ಗರಿಗರಿ ಆಲೂಗಡ್ಡೆ ಬಿಲ್ಲೆ: ನೀರು ಹಿಂಡಿ, ಹಿಟ್ಟು ಉಳಿಸಿ



ತಿಂಡಿ ಮಾಡುವ ತರಬೇತಿ ಎಂದರೆ ನಮ್ಮ ಸಂಘಗಳಲ್ಲಿ ಚಕ್ಕುಲಿ, ನಿಪ್ಪಟ್ಟು, ಹಪ್ಪಳ, ಉಪ್ಪಿನಕಾಯಿ. ಇವೆಲ್ಲ ಡಬ್ಬಿಯಲ್ಲಿ ನಿಲ್ಲುವ ಪದಾರ್ಥಗಳು. ಈ ಸಲ ನಾವು ಕಲಿಯುವುದು ಅರ್ಧ ಗಂಟೆಯೂ ನಿಲ್ಲದ ಒಂದು ತಿನಿಸು. ಹಸಿ ಆಲೂಗಡ್ಡೆಯನ್ನು ತುರಿದು, ಹಿಂಡಿ, ಕಾವಲಿಯ ಮೇಲೆ ತೆಳ್ಳಗೆ ಹರಡಿ, ಎರಡೂ ಕಡೆ ಗರಿಗರಿಯಾಗಿ ಕಾಯಿಸುವುದು. ಇದು ದೋಸೆಯೂ ಅಲ್ಲ, ವಡೆಯೂ ಅಲ್ಲ, ಬೇಯಿಸಿದ ಆಲೂಗಡ್ಡೆಯ ಕಟ್ಲೆಟ್ಟೂ ಅಲ್ಲ. ನಾವು ಬಿಲ್ಲೆ ಅಂತ ಕರೆದಿದ್ದೇವೆ. ನಿಮ್ಮ ಬಾಯಿಗೆ ಬೇರೆ ಹೆಸರು ಬಂದರೆ ಹಾಗೇ ಕರೆಯಿರಿ.

ಮೂಲದಲ್ಲಿ ಇದು ಯೂರೋಪಿನ ಬಡವರ ಮನೆಯ ಅಡುಗೆ. ಜರ್ಮನಿಯವರು ಇದನ್ನು ಬೇಯಿಸಿದ ಸೇಬಿನ ಗೊಜ್ಜಿನ ಜೊತೆ ತಿನ್ನುತ್ತಾರೆ, ಪೋಲೆಂಡಿನವರು ಹುಳಿ ಕೆನೆಯ ಜೊತೆ. ಯೆಹೂದ್ಯರ ಮನೆಗಳಲ್ಲಿ ಹನುಕ್ಕಾ ಎಂಬ ದೀಪದ ಹಬ್ಬಕ್ಕೆ ಇದು ಬೇಕೇ ಬೇಕು. ಜರ್ಮನಿಯ ರೈನ್ ನದಿಯ ಸೀಮೆಯಲ್ಲಿ, ಮಾಂಸ ತಿನ್ನದ ಶುಕ್ರವಾರಗಳಂದು ಇದನ್ನು ಮಾಡುವ ರೂಢಿ ಕಥೋಲಿಕ ಮನೆಗಳಲ್ಲಿತ್ತು. ಆಲೂಗಡ್ಡೆ ಮಾತ್ರ ಅವರದೂ ಅಲ್ಲ, ನಮ್ಮದೂ ಅಲ್ಲ. ಅದು ದಕ್ಷಿಣ ಅಮೆರಿಕದ ಆಂಡಿಸ್ ಬೆಟ್ಟದ ಜನರ ಬೆಳೆ. ನಮ್ಮ ಪಶ್ಚಿಮ ಕರಾವಳಿಗೆ ಪೋರ್ಚುಗೀಸರ ಕೈಯಲ್ಲಿ ಬಂತು. ಮಂಗಳೂರು ಕಡೆಯವರು ಇಂದಿಗೂ ಬಟಾಟೆ ಅನ್ನುವುದು ಅವರ ಮಾತಿನಿಂದಲೇ.

ಹಾಸನ, ಚಿಕ್ಕಮಗಳೂರು ಕಡೆಯ ಸದಸ್ಯೆಯರಿಗೆ ಆಲೂಗಡ್ಡೆಯ ಬಗ್ಗೆ ನಾವು ಹೇಳಬೇಕಾದ್ದು ಹೆಚ್ಚಿಲ್ಲ. ಪಂಜಾಬಿನ ಜಲಂಧರ್ ಕಡೆಯಿಂದ ಬೀಜ ತರಿಸಿ, ಮುಂಗಾರಿಗೆ ನಾಟಿ ಮಾಡಿ, ಅಂಗಮಾರಿ ರೋಗ ಬರದಿರಲಿ ಅಂತ ಕಾದವರು ನೀವು. ಕೀಳುವ ಕಾಲದಲ್ಲಿ ದಪ್ಪ ಗಡ್ಡೆ ಮೂಟೆ ಸೇರುತ್ತದೆ. ಗುದ್ದಲಿ ತಾಗಿದ್ದು, ಗೋಲಿ ಗಾತ್ರದ್ದು ಮನೆ ಮೂಲೆ ಸೇರುತ್ತದೆ. ಗುದ್ದಲಿ ತಾಗಿದ ಗಡ್ಡೆ ನಾಲ್ಕು ದಿನದಲ್ಲಿ ಕೊಳೆಯುತ್ತದೆ. ಅದೇ ದಿನ ಅಥವಾ ಮಾರನೇ ದಿನ ಗಾಯದ ಭಾಗ ತೆಗೆದು ತುರಿದುಬಿಟ್ಟರೆ ಒಂದು ಹೊತ್ತಿನ ತಿಂಡಿ ಆಯಿತು. ಈ ಪಾಠಕ್ಕೆ ಆಲೂಗಡ್ಡೆಯನ್ನೇ ಆರಿಸಿಕೊಂಡದ್ದು ಅದಕ್ಕೇ.

ಗಡ್ಡೆ ಆರಿಸುವುದು

ಆಲೂಗಡ್ಡೆಯಲ್ಲಿ ನೂರಕ್ಕೆ ಸುಮಾರು ಎಂಬತ್ತು ಭಾಗ ನೀರು. ಉಳಿದದ್ದರಲ್ಲಿ ಹೆಚ್ಚಿನದು ಹಿಟ್ಟು, ಅಂದರೆ ಪಿಷ್ಟ. ಹಿಟ್ಟು ಜಾಸ್ತಿ ಇದ್ದ ಗಡ್ಡೆ ಗರಿಗರಿ ಆಗುತ್ತದೆ, ನೀರು ಜಾಸ್ತಿ ಇದ್ದದ್ದು ಮೆತ್ತಗಾಗುತ್ತದೆ. ಸಿಪ್ಪೆ ಉಗುರಿಗೇ ಸುಲಿದುಬರುವ ಎಳೆ ಗಡ್ಡೆಯಲ್ಲಿ ನೀರು ಹೆಚ್ಚು. ಬಲಿತು, ಸಿಪ್ಪೆ ಗಟ್ಟಿಯಾಗಿ, ಕೆಲವು ವಾರ ಗಾಳಿಯಾಡುವ ಕತ್ತಲೆ ಜಾಗದಲ್ಲಿ ಇದ್ದದ್ದು ಒಳ್ಳೆಯದು. ನಮ್ಮ ಕಡೆ ಬಹಳ ಕಾಲದಿಂದ ಬೆಳೆದುಬಂದ ಕುಫ್ರಿ ಜ್ಯೋತಿ ತಳಿ ಸಾಕು. ಚಿಪ್ಸಿಗಾಗಿಯೇ ಕುಫ್ರಿ ಚಿಪ್ಸೋನಾ ಎಂಬ ತಳಿಗಳನ್ನು 1998ರಲ್ಲಿ ಬಿಡುಗಡೆ ಮಾಡಿದರು. ಅವುಗಳಲ್ಲಿ ನೀರು ಕಡಿಮೆ, ಸಕ್ಕರೆಯೂ ಕಡಿಮೆ. ಸಿಕ್ಕರೆ ಸಂತೋಷ, ಸಿಗದಿದ್ದರೆ ಚಿಂತೆ ಬೇಡ. ಕೋಲ್ಡ್ ಸ್ಟೋರೇಜಿನಲ್ಲಿ ಬಹಳ ತಿಂಗಳಿದ್ದ ಗಡ್ಡೆ ಮಾತ್ರ ಒಮ್ಮೊಮ್ಮೆ ಮೋಸ ಮಾಡುತ್ತದೆ. ಚಳಿಗೆ ಹಿಟ್ಟು ಸಕ್ಕರೆಯಾಗಿ ತಿರುಗಿರುತ್ತದೆ, ಗರಿಗರಿ ಆಗುವ ಮೊದಲೇ ಮೇಲೆ ಕಪ್ಪಾಗುತ್ತದೆ. ಫ್ರಿಜ್ಜಿನಲ್ಲಿ ಇಟ್ಟದ್ದಕ್ಕೂ ಇದೇ ಕಥೆ.

ಒಂದು ವಿಷಯದಲ್ಲಿ ಮಾತ್ರ ಉಳಿತಾಯದ ಬುದ್ಧಿ ಬೇಡ. ಬಿಸಿಲು ಅಥವಾ ಬೆಳಕು ಬಿದ್ದು ಹಸಿರಾದ ಗಡ್ಡೆಯಲ್ಲಿ ಸೊಲನಿನ್ ಎಂಬ ವಿಷವಸ್ತು ಹೆಚ್ಚುತ್ತದೆ. ಬೇಯಿಸಿದರೂ ಕರಿದರೂ ಅದು ಹೋಗುವುದಿಲ್ಲ. ವಾಂತಿ, ಹೊಟ್ಟೆನೋವು, ಭೇದಿ ಬರಬಹುದು. ಮಕ್ಕಳ ಮೈ ಚಿಕ್ಕದು, ಅವರಿಗೆ ಬೇಗ ತಾಗುತ್ತದೆ. ಸ್ವಲ್ಪ ಹಸಿರಿದ್ದರೆ ಆ ಭಾಗವನ್ನು ದಪ್ಪವಾಗಿ ಕತ್ತರಿಸಿ ತೆಗೆಯಿರಿ, ಮೊಳಕೆಯ ಕಣ್ಣುಗಳನ್ನು ಕಿತ್ತುಹಾಕಿ. ಪೂರ್ತಿ ಹಸಿರಾಗಿದ್ದರೆ, ನಾಲಿಗೆಗೆ ಕಹಿಯಾದರೆ, ಗಡ್ಡೆಯನ್ನೇ ಎಸೆಯಿರಿ. ದನಕ್ಕೂ ಹಾಕಬೇಡಿ. "ಅಯ್ಯೋ, ದುಡ್ಡು ಕೊಟ್ಟು ತಂದದ್ದಲ್ವಾ ಸಿಸ್ಟರ್" ಅಂತ ಕೇಳುವವರಿದ್ದಾರೆ. ಆಸ್ಪತ್ರೆಗೆ ಹೋಗುವ ಬಸ್ ಚಾರ್ಜಿಗಿಂತ ಆ ಗಡ್ಡೆಯ ಬೆಲೆ ಕಡಿಮೆಯೇ.

ಬೇಕಾಗುವ ಸಾಮಾನು

ಆಲೂಗಡ್ಡೆ 1 ಕಿಲೋ, ಈರುಳ್ಳಿ ದೊಡ್ಡದು 2, ಕಡಲೆಹಿಟ್ಟು ಅಥವಾ ಅಕ್ಕಿಹಿಟ್ಟು 4 ದೊಡ್ಡ ಚಮಚ, ಉಪ್ಪು ಒಂದೂವರೆ ಸಣ್ಣ ಚಮಚ, ಕುಟ್ಟಿದ ಕಾಳುಮೆಣಸು ಅಥವಾ ಸಣ್ಣಗೆ ಹೆಚ್ಚಿದ ಹಸಿಮೆಣಸಿನಕಾಯಿ, ಎಣ್ಣೆ ಮುಕ್ಕಾಲು ಲೋಟ. ಮೊಟ್ಟೆ ತಿನ್ನುವವರು ಒಂದು ಮೊಟ್ಟೆ ಒಡೆದು ಹಾಕಿ ಹಿಟ್ಟನ್ನು ಅರ್ಧಕ್ಕೆ ಇಳಿಸಬಹುದು. ಕೊತ್ತಂಬರಿ, ಕರಿಬೇವು, ನುಗ್ಗೆಸೊಪ್ಪು ನಿಮ್ಮ ಇಷ್ಟ. ಇಷ್ಟರಿಂದ ಅಂಗೈಯಗಲದ 16 ಬಿಲ್ಲೆ ಆಗುತ್ತವೆ. ಇದಲ್ಲದೆ ತುರಿಯುವ ಮಣೆ, ತೆಳು ಹತ್ತಿ ಬಟ್ಟೆ (ಒಗೆದು ಒಣಗಿಸಿದ ಹಳೆಯ ಪಂಚೆಯ ತುಂಡು ಬಹಳ ಚೆನ್ನ), ಎರಡು ಪಾತ್ರೆ, ಕಬ್ಬಿಣದ ಕಾವಲಿ.

ಮಾಡುವ ವಿಧಾನ

ಗಡ್ಡೆ ತೊಳೆದು, ಸಿಪ್ಪೆ ತೆಗೆದು, ಮಣೆಯ ದೊಡ್ಡ ತೂತಿನ ಕಡೆ ತುರಿಯಿರಿ. ಸಣ್ಣ ತೂತಿನಲ್ಲಿ ತುರಿದರೆ ಗೊಜ್ಜಾಗುತ್ತದೆ. ನಡುನಡುವೆ ಈರುಳ್ಳಿಯನ್ನೂ ತುರಿದು ಬೆರೆಸಿದರೆ ಆಲೂಗಡ್ಡೆ ಅಷ್ಟು ಬೇಗ ಕಪ್ಪಾಗುವುದಿಲ್ಲ. ತುರಿದದ್ದನ್ನು ಬಟ್ಟೆಗೆ ಹಾಕಿ, ಗಂಟು ಕಟ್ಟಿ, ಪಾತ್ರೆಯ ಮೇಲೆ ಹಿಡಿದು ಚೆನ್ನಾಗಿ ಹಿಂಡಿ. ಒಮ್ಮೆ ಹಿಂಡಿ ಸಾಕು ಅನ್ನಬೇಡಿ. ಬಿಚ್ಚಿ, ಕೈಯಾಡಿಸಿ, ಮತ್ತೆ ಹಿಂಡಿ. ಇಬ್ಬರಿದ್ದರೆ ಒದ್ದೆ ಸೀರೆ ಹಿಂಡುವ ಹಾಗೆ ಒಬ್ಬೊಬ್ಬರು ಒಂದೊಂದು ತುದಿ ಹಿಡಿದು ತಿರುಚಿ. ಒಂದು ಕಿಲೋ ಗಡ್ಡೆಯಿಂದ ಒಂದು ಲೋಟದಷ್ಟು ಕೆಂಪು ನೀರು ಬರುತ್ತದೆ.

ಆ ನೀರನ್ನು ಚೆಲ್ಲಬೇಡಿ! ಹತ್ತು ನಿಮಿಷ ಅಲುಗಾಡಿಸದೆ ಇಡಿ. ಆಮೇಲೆ ಮೇಲಿನ ನೀರನ್ನು ಮೆಲ್ಲಗೆ ಬಗ್ಗಿಸಿದರೆ ಪಾತ್ರೆಯ ತಳದಲ್ಲಿ ಸುಣ್ಣದ ಹಾಗೆ ಬೆಳ್ಳಗೆ, ಗಟ್ಟಿಯಾಗಿ ಒಂದು ಪದರ ಕೂತಿರುತ್ತದೆ. ಅದೇ ಆಲೂಗಡ್ಡೆಯ ಹಿಟ್ಟು. ಕೆರೆದು ತೆಗೆದು, ಹಿಂಡಿದ ತುರಿಗೇ ವಾಪಸ್ ಸೇರಿಸಿ. ಬಿಲ್ಲೆಯನ್ನು ಒಂದಕ್ಕೊಂದು ಹಿಡಿದಿಡುವುದೂ, ಅಂಚನ್ನು ಗರಿಗರಿ ಮಾಡುವುದೂ ಬಹಳ ಮಟ್ಟಿಗೆ ಇದೇ. ಇದನ್ನು ಚೆಲ್ಲಿದವರು ಆಮೇಲೆ ಬಿಲ್ಲೆ ಬಿಡಿಬಿಡಿ ಆಗುತ್ತದೆ ಅಂತ ಮೈದಾ ಸುರಿಯುತ್ತಾರೆ. ಮೈದಾ ಜಾಸ್ತಿ ಆದರೆ ಅದು ರೊಟ್ಟಿ, ಬಿಲ್ಲೆ ಅಲ್ಲ.

ಇಷ್ಟೆಲ್ಲಾ ಹಿಂಡುವುದು ಯಾಕೆ? ನೀರು ಕುದಿಯುವುದು 100 ಡಿಗ್ರಿಗೆ. ಕಾವಲಿಯ ಮೇಲಿನ ಎಣ್ಣೆ ಅದಕ್ಕಿಂತ ಬಹಳ ಬಿಸಿ. ಆದರೆ ತುರಿಯಲ್ಲಿ ನೀರು ಇರುವವರೆಗೆ ಒಲೆಯ ಬಿಸಿಯೆಲ್ಲ ಆ ನೀರನ್ನು ಆವಿ ಮಾಡುವುದರಲ್ಲೇ ಮುಗಿಯುತ್ತದೆ. ತುರಿಯ ಬಿಸಿ 100ರಿಂದ ಮೇಲೇಳುವುದಿಲ್ಲ. ಬಿಲ್ಲೆ ಬೇಯುತ್ತದೆ, ಕೆಂಪಗಾಗುವುದಿಲ್ಲ. ನೀರು ಹೋದ ಮೇಲೆಯೇ ಗರಿಗರಿ ಶುರು. ಬಟ್ಟೆಯಲ್ಲಿ ಹಿಂಡಿದ ನೀರಿಗೆ ಗ್ಯಾಸ್ ಖರ್ಚಿಲ್ಲ, ಕಾವಲಿಯಲ್ಲಿ ಆರಿಸಿದ ನೀರಿಗೆ ಖರ್ಚಿದೆ.

ಉಪ್ಪು, ಮೆಣಸು, ಹಿಟ್ಟು ಹಾಕುವುದು ಕಾವಲಿ ಕಾದ ಮೇಲೆಯೇ. ಉಪ್ಪು ಬಿದ್ದ ಕೂಡಲೇ ತುರಿ ಮತ್ತೆ ನೀರು ಬಿಡುತ್ತದೆ. ಹಾಗಾಗಿ ಕಲಸಿಟ್ಟು ಬಾವಿಗೆ ಹೋಗಿಬರುತ್ತೇನೆ ಅಂದರೆ ನಡೆಯುವುದಿಲ್ಲ. ಕಾವಲಿಗೆ ಎರಡು ಚಮಚ ಎಣ್ಣೆ ಹಾಕಿ, ಒಂದು ಎಳೆ ತುರಿ ಹಾಕಿ ನೋಡಿ. ಚುಂಯ್ ಅಂತ ಸದ್ದಾಗಬೇಕು, ಹೊಗೆ ಏಳಬಾರದು. ಒಂದೊಂದು ಹಿಡಿ ಹಾಕಿ, ಮಧ್ಯ ಕಾಲಿಂಚಿಗಿಂತ ದಪ್ಪ ಇಲ್ಲದ ಹಾಗೆ ಹರಡಿ. ಅಂಚು ಗುಂಡಗೆ ಇರಲಿ ಅಂತ ತಟ್ಟಿ ಸರಿಮಾಡಬೇಡಿ. ಎಳೆಗಳು ಹೊರಗೆ ಚಾಚಿಕೊಂಡಿದ್ದರೇನೇ ಗರಿಗರಿ. ಮಧ್ಯಮ ಉರಿಯಲ್ಲಿ ನಾಲ್ಕು ನಿಮಿಷ ಮುಟ್ಟಬೇಡಿ. ತಳ ಹಿಡಿದಿದೆ ಅನ್ನಿಸಿದರೆ ಅದಿನ್ನೂ ಆಗಿಲ್ಲ ಅಂತ ಅರ್ಥ, ಆದಾಗ ತಾನೇ ಬಿಡುತ್ತದೆ. ಮಗುಚಿ, ಇನ್ನು ಮೂರು ನಾಲ್ಕು ನಿಮಿಷ. ಮುಚ್ಚಳ ಮುಚ್ಚಲೇಬೇಡಿ.

ಬಣ್ಣ ಹೊಂಬಣ್ಣಕ್ಕೆ ಬಂದರೆ ಸಾಕು, ಕಡುಗಂದು ಆಗುವುದು ಬೇಡ. ಪಿಷ್ಟದ ಪದಾರ್ಥಗಳನ್ನು ಹೆಚ್ಚು ಬಿಸಿಯಲ್ಲಿ ಕಂದು ಮಾಡಿದಷ್ಟೂ ಅಕ್ರಿಲಮೈಡ್ ಎಂಬ ಒಳ್ಳೆಯದಲ್ಲದ ವಸ್ತು ಹುಟ್ಟುತ್ತದೆ ಅಂತ ಸ್ವೀಡನ್ನಿನ ವಿಜ್ಞಾನಿಗಳು 2002ರಲ್ಲಿ ತೋರಿಸಿದರು. ತೆಗೆದದ್ದನ್ನು ಒಂದರ ಮೇಲೊಂದು ಪೇರಿಸಿದರೆ ಕೆಳಗಿನದರ ಆವಿ ಮೇಲಿನದನ್ನು ಮೆತ್ತಗೆ ಮಾಡುತ್ತದೆ. ಜರಡಿಯ ಮೇಲೆ ಬಿಡಿಬಿಡಿಯಾಗಿ ಇಡಿ. ಜೊತೆಗೆ ಕಾಯಿಚಟ್ನಿ ಇರಲಿ, ಅಥವಾ ಗಟ್ಟಿ ಮೊಸರು. ಟೊಮ್ಯಾಟೊ ಗೊಜ್ಜೂ ಹೊಂದುತ್ತದೆ. ಉಳಿದ ಎಣ್ಣೆ ಕಪ್ಪಾಗಿದ್ದರೆ ಮತ್ತೆ ಬಾಟಲಿಗೆ ಸುರಿಯಬೇಡಿ.

ತಿನ್ನುವವರು ಯಾರು?

ಇಂಥ ತಿಂಡಿಯಲ್ಲಿ ಒಂದು ಕಷ್ಟ ಇದೆ. ಚಕ್ಕುಲಿ ಮಾಡಿಟ್ಟರೆ ಎಲ್ಲರೂ ಕೂತು ತಿನ್ನಬಹುದು. ಬಿಲ್ಲೆ ಬಿಸಿಯಾಗಿ ಎಲೆಗೆ ಬೀಳಬೇಕು. ಹಾಗಾಗಿ ಗಂಡ, ಮಕ್ಕಳು, ಅತ್ತೆ, ಮಾವ ತಿನ್ನುತ್ತಾ ಹೋಗುತ್ತಾರೆ, ಮಾಡುವವಳು ಒಲೆಯ ಮುಂದೆ ನಿಂತೇ ಇರುತ್ತಾಳೆ. ಕೊನೆಗೆ ಅವಳ ಪಾಲಿಗೆ ಉಳಿಯುವುದು ಮುರಿದದ್ದು, ಸೀದದ್ದು, ತಣ್ಣಗಾದದ್ದು. ಕೆಲವು ಮನೆಗಳಲ್ಲಿ ಅದೂ ಇಲ್ಲ. "ನನಗೆ ವಾಸನೆಗೇ ಹೊಟ್ಟೆ ತುಂಬಿತು" ಅನ್ನುವ ಮಾತನ್ನು ನಾವು ಎಷ್ಟು ಹಳ್ಳಿಗಳಲ್ಲಿ ಕೇಳಿದ್ದೇವೋ ಲೆಕ್ಕವಿಲ್ಲ. ವಾಸನೆಗೆ ಹೊಟ್ಟೆ ತುಂಬುವುದಿಲ್ಲ, ರಕ್ತಹೀನತೆಯೂ ವಾಸಿಯಾಗುವುದಿಲ್ಲ. ನಮ್ಮ ಸಲಹೆ ಸರಳ. ಮೊದಲ ಮೂರು ಬಿಲ್ಲೆ ಆದಾಗ ಒಂದನ್ನು ನೀವೇ ತಿನ್ನಿ, ಉಪ್ಪು ಸರಿ ಇದೆಯಾ ನೋಡುವ ನೆಪವಾದರೂ ಆಗಲಿ. ಅರ್ಧ ಆದ ಮೇಲೆ ಮಗುಚುವ ಕೈಯನ್ನು ಮಗನಿಗೋ ಗಂಡನಿಗೋ ಕೊಟ್ಟು ಕೂತು ತಿನ್ನಿ. ಎರಡು ಬಿಲ್ಲೆ ಹರಿದುಹೋಗುತ್ತವೆ, ಹೋಗಲಿ. ಹತ್ತು ವರ್ಷದ ಹುಡುಗ ಕಲಿಯಲಾರದ ಕೆಲಸ ಇದರಲ್ಲಿ ಏನೂ ಇಲ್ಲ.

ಇದರಲ್ಲಿ ಇರುವುದು ಹೆಚ್ಚಾಗಿ ಪಿಷ್ಟ ಮತ್ತು ಎಣ್ಣೆ ಅನ್ನುವುದನ್ನು ಮರೆಯಬಾರದು. ಇದು ಬೇಳೆಕಾಳಿಗೆ ಬದಲಿ ಅಲ್ಲ. ಮಕ್ಕಳಿಗೆ ಕೊಡುವಾಗ ಜೊತೆಗೆ ಮೊಟ್ಟೆಯೋ, ಬೇಯಿಸಿದ ಹೆಸರುಕಾಳೋ ಇರಲಿ. ಸಕ್ಕರೆ ಕಾಯಿಲೆ ಇದ್ದವರು ಬಿಲ್ಲೆ ತಿಂದ ಹೊತ್ತು ಅನ್ನ ಕಡಿಮೆ ಮಾಡಬೇಕು. ಎರಡೂ ಸೇರಿದರೆ ಕಷ್ಟ.

ಮಾರಬಹುದಾ?

ಈ ಪ್ರಶ್ನೆ ಬಂದೇ ಬರುತ್ತದೆ, ಆದ್ದರಿಂದ ಲೆಕ್ಕ ಹಾಕೋಣ. ಕೆಳಗಿನವು ಉದಾಹರಣೆಯ ದರಗಳು, ನಿಮ್ಮ ಸಂತೆಯ ದರ ನೀವು ಹಾಕಿಕೊಳ್ಳಿ. ಆಲೂಗಡ್ಡೆ 30 ರೂಪಾಯಿ, ಈರುಳ್ಳಿ 10, ಕಡಲೆಹಿಟ್ಟು 6, ಎಣ್ಣೆ 22, ಉಪ್ಪು ಮೆಣಸು 4, ಗ್ಯಾಸ್ 8. ಒಟ್ಟು 80. ಬಿಲ್ಲೆ 16, ಅಂದರೆ ಒಂದಕ್ಕೆ 5 ರೂಪಾಯಿ ಅಸಲು. ಹತ್ತಕ್ಕೆ ಒಂದರಂತೆ ಮಾರಿದರೆ 160 ಬಂತು, 80 ಉಳಿಯಿತು. ಅಸಲಿಗೆ ಅಸಲೇ ಲಾಭ ಅಂತ ಚಪ್ಪಾಳೆ ಹೊಡೆಯುವ ಮೊದಲು ಗಡಿಯಾರ ನೋಡಿ. ಸಿಪ್ಪೆ ತೆಗೆದು, ತುರಿದು, ಹಿಂಡುವುದಕ್ಕೆ ಮುಕ್ಕಾಲು ಗಂಟೆ. ಕಾವಲಿಯಲ್ಲಿ ಒಂದು ಸಲಕ್ಕೆ ಮೂರು, ಪ್ರತಿ ಸಲಕ್ಕೆ ಎಂಟು ನಿಮಿಷ, 16ಕ್ಕೆ ಇನ್ನೊಂದು ಮುಕ್ಕಾಲು ಗಂಟೆ. ಸಂತೆಗೆ ಹೋಗಿ ಬರುವುದು, ಗಿರಾಕಿಗೆ ಕಾಯುವುದು ಎಲ್ಲ ಸೇರಿ ಎರಡು ಗಂಟೆ ಅಂತ ಇಟ್ಟುಕೊಳ್ಳಿ. ಮೂರೂವರೆ ಗಂಟೆಗೆ 80 ರೂಪಾಯಿ, ಗಂಟೆಗೆ 23. ನಾಲ್ಕು ಬಿಲ್ಲೆ ಮಾರದೆ ಉಳಿದರೆ ಗಂಟೆಗೆ 12 ಕೂಡ ಇಲ್ಲ. ನಿಮ್ಮ ಊರಿನ ಹೆಣ್ಣಾಳಿನ ಕೂಲಿಯ ಪಕ್ಕದಲ್ಲಿ ಇದನ್ನಿಟ್ಟು ನೋಡಿ.

ದೊಡ್ಡದಾಗಿ ಮಾಡಿದರೆ ಸರಿಹೋಗುತ್ತದೆ ಅನ್ನುವವರೂ ಇದ್ದಾರೆ. ಇದು ಹಪ್ಪಳವಲ್ಲ. ಒಂದು ಕಾವಲಿಯಲ್ಲಿ ಗಂಟೆಗೆ ಇಪ್ಪತ್ತೆರಡಕ್ಕಿಂತ ಹೆಚ್ಚು ಏಳುವುದಿಲ್ಲ, ಬೆಳಿಗ್ಗೆ ಮಾಡಿದ್ದು ಮಧ್ಯಾಹ್ನಕ್ಕೆ ಮೆತ್ತಗೆ. ಅದಕ್ಕೇ ಆಂತರಿಕ ಸಾಲ ತೆಗೆದು ತುರಿಯುವ ಯಂತ್ರ ಕೊಳ್ಳುವ ಮಾತು ಈಗಲೇ ಬೇಡ. ಜಾತ್ರೆ, ಶಾಲಾ ವಾರ್ಷಿಕೋತ್ಸವ, ಒಕ್ಕೂಟದ ಮಹಿಳಾ ದಿನಾಚರಣೆ ಇಂಥ ಕಡೆ ಜನ ತಾವಾಗಿಯೇ ಸೇರಿರುತ್ತಾರೆ. ಅಲ್ಲಿ ನಾಲ್ಕು ಜನ, ಎರಡು ದೊಡ್ಡ ಕಾವಲಿ, ಬಿಸಿಬಿಸಿ ಮಾರಾಟ, ಬೆಲೆ 15 ರೂಪಾಯಿ, ಚಟ್ನಿ ಸಮೇತ. ಹಾಗಾದರೆ ಕೈಗೆ ಏನಾದರೂ ಹತ್ತುತ್ತದೆ. ದಿನಾ ಮಾರುವ ಯೋಚನೆ ಇದ್ದರೆ, ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಕಾಯ್ದೆ 2006ರ ಪ್ರಕಾರ ಸಣ್ಣವರಿಗೂ ನೋಂದಣಿ ಬೇಕು ಎಂಬುದು ಗೊತ್ತಿರಲಿ.

ಮುಂದಿನ ಸಭೆಗೆ

ಪ್ರತಿ ಸಂಘವೂ ಒಂದು ಕಿಲೋ ಹೊಸ ಗಡ್ಡೆ, ಒಂದು ಕಿಲೋ ಹಳೆಯ ಗಡ್ಡೆ ತರಿಸಿ, ಬೇರೆಬೇರೆಯಾಗಿ ಹಿಂಡಿ, ಎರಡರ ನೀರನ್ನೂ ಒಂದೇ ಲೋಟದಲ್ಲಿ ಅಳೆಯಿರಿ. ತಳದಲ್ಲಿ ಕೂತ ಹಿಟ್ಟು ಎಷ್ಟು ಚಮಚ ಅಂತಲೂ ನೋಡಿ. ಬಿಲ್ಲೆ ಎಷ್ಟಾಯಿತು, ಎಣ್ಣೆ ಎಷ್ಟು ಹೋಯಿತು, ಶುರು ಮಾಡಿದ್ದು ಎಷ್ಟು ಗಂಟೆಗೆ, ಮುಗಿದದ್ದು ಎಷ್ಟು ಗಂಟೆಗೆ, ಎಲ್ಲವನ್ನೂ ಬರೆಯಲು ಬರುವ ಒಬ್ಬರು ನಿರ್ಣಯ ಪುಸ್ತಕದ ಹಿಂದಿನ ಪುಟದಲ್ಲಿ ಬರೆದಿಡಲಿ. ಖರ್ಚನ್ನು ಸದಸ್ಯೆಯರ ನಡುವೆ ಹಂಚಿಕೊಳ್ಳಿ, ಉಳಿತಾಯದ ಹಣಕ್ಕೆ ಕೈಹಾಕಬೇಡಿ. ಒಲೆಯ ಮುಂದೆ ಒಬ್ಬರೇ ನಿಲ್ಲುವುದು ಬೇಡ. ಮೂರು ಮೂರು ಬಿಲ್ಲೆಗೆ ಒಬ್ಬರಂತೆ ಸರದಿ ಹಾಕಿಕೊಳ್ಳಿ, ಅಧ್ಯಕ್ಷೆಯ ಸರದಿಯೂ ಅದರಲ್ಲಿ ಇರಲಿ.