ಗೌಲೈಟರ್: ಒಂದು ಶಬ್ದವಿಚಾರ

ಮನುಷ್ಯರಂತೆ ಶಬ್ದಗಳೂ ದೇಶಾಂತರ ಹೋಗುತ್ತವೆ. ಕೆಲವು ವ್ಯಾಪಾರದ ಸರಕಿನೊಡನೆ ಹೋಗುತ್ತವೆ, ಕೆಲವು ಧರ್ಮಪ್ರಸಾರದೊಡನೆ, ಕೆಲವು ವಿದ್ಯೆಯೊಡನೆ, ಮತ್ತೆ ಕೆಲವು ಯುದ್ಧದೊಡನೆ. ಜರ್ಮನ್ ಭಾಷೆಯಿಂದ ಲೋಕದ ನಾನಾ ಭಾಷೆಗಳಿಗೆ ಹೋದ ಶಬ್ದಗಳಲ್ಲಿ ‘ಕಿಂಡರ್‌ಗಾರ್ಟನ್’ ಎಂಬುದು ವಿದ್ಯೆಯೊಡನೆ ಹೋದದ್ದು. ‘ಮಕ್ಕಳ ತೋಟ’ ಎಂಬ ಅರ್ಥದ ಈ ಹೆಸರನ್ನು ಫ್ರೆಡ್ರಿಕ್ ಫ್ರೋಬೆಲ್ 1840ರಲ್ಲಿ ತನ್ನ ಶಿಶುವಿಹಾರಕ್ಕೆ ಇಟ್ಟನು. ಅದು ಇಂಗ್ಲಿಷಿನ ಮಾರ್ಗವಾಗಿ ನಮ್ಮ ಶಾಲೆಗಳ ಬಾಗಿಲಿಗೂ ಬಂದು ನಿಂತಿದೆ. ಅದೇ ಭಾಷೆಯಿಂದ, ನೂರು ವರ್ಷಗಳ ತರುವಾಯ, ಯುದ್ಧದೊಡನೆ ಹೊರಟುಹೋದ ಇನ್ನೊಂದು ಶಬ್ದ ‘ಗೌಲೈಟರ್’. ದರ್ಪದಿಂದ ಅಧಿಕಾರ ನಡೆಸುವವನಿಗೆ ಇಂದು ಇಂಗ್ಲಿಷಿನಲ್ಲಿ ಇದೊಂದು ಬೈಗುಳ. ಇದರ ಹುಟ್ಟು, ಬೆಳವಣಿಗೆ, ಪ್ರಯೋಗಗಳನ್ನು ಪರಿಶೀಲಿಸುವುದು ಪ್ರಕೃತ ಲೇಖನದ ಉದ್ದೇಶ. ಭಾಷಾಭ್ಯಾಸಿಗಳಿಗೆ ಇದು ಅರ್ಥವ್ಯತ್ಯಾಸದ ಪಾಠವಾದರೆ, ನಾಳೆ ಯಾವುದಾದರೊಂದು ಅಧಿಕಾರದ ಪೀಠದಲ್ಲಿ ಕೂಡಲಿರುವ ವಿದ್ಯಾರ್ಥಿಗಳಿಗೆ ಅದಕ್ಕಿಂತ ಹಿರಿದಾದ ಪಾಠವೂ ಇದರಲ್ಲಿದೆ.

ಪದರಚನೆ

ಇದೊಂದು ಸಮಸ್ತಪದ. ಪೂರ್ವಪದ ‘ಗೌ’, ಉತ್ತರಪದ ‘ಲೈಟರ್’. ‘ಗೌ’ ಎಂದರೆ ಪ್ರಾಚೀನ ಜರ್ಮನ್ ಜನಾಂಗಗಳ ಕಾಲದ ಒಂದು ಭೂವಿಭಾಗ. ನಮ್ಮ ಶಾಸನಗಳಲ್ಲಿ ಬರುವ ‘ನಾಡು’ ಎಂಬುದಕ್ಕೆ ಹೆಚ್ಚುಕಡಿಮೆ ಸಮಾನವಾದುದು. ಸ್ವಿಟ್ಜರ್ಲೆಂಡಿನ ಆರ್‌ಗೌ, ಟೂರ್‌ಗೌ ಎಂಬ ಪ್ರಾಂತಗಳ ಹೆಸರುಗಳಲ್ಲಿಯೂ ಜರ್ಮನಿಯ ಬ್ರೈಸ್‌ಗೌ ಎಂಬ ಸೀಮೆಯ ಹೆಸರಿನಲ್ಲಿಯೂ ಅದು ಇಂದಿಗೂ ನಿರಪಾಯವಾಗಿ ಉಳಿದಿದೆ. ‘ಲೈಟೆನ್’ ಎಂಬುದು ಮುಂದೆ ನಿಂತು ನಡೆಸು ಎಂಬ ಅರ್ಥದ ಧಾತು. ‘ಲೈಟರ್’ ಎಂದರೆ ನಡೆಸುವವನು. ಶಾಲೆಯ ಮುಖ್ಯೋಪಾಧ್ಯಾಯನು ಜರ್ಮನ್ ಭಾಷೆಯಲ್ಲಿ ‘ಶೂಲ್‌ಲೈಟರ್’. ವಿದ್ಯುತ್ತನ್ನು ಹರಿಯಗೊಡುವ ವಾಹಕಕ್ಕೂ ‘ಲೈಟರ್’ ಎಂದೇ ಹೆಸರು. ಒಟ್ಟಿನಲ್ಲಿ ‘ಗೌಲೈಟರ್’ ಎಂದರೆ ‘ನಾಡಿನ ಮುಖಂಡ’ ಎಂದಷ್ಟೇ ಅರ್ಥ. ನಮ್ಮ ‘ಗೌಡ’ ಶಬ್ದಕ್ಕೂ ಇದಕ್ಕೂ ಕಿವಿಗೆ ತೋರುವ ಹೋಲಿಕೆ ಕೇವಲ ಆಕಸ್ಮಿಕ. ವ್ಯುತ್ಪತ್ತಿಯಲ್ಲಿ ಇವೆರಡಕ್ಕೂ ಯಾವ ಸಂಬಂಧವೂ ಇಲ್ಲ.

ಇಷ್ಟು ನಿರುಪದ್ರವಿಯಾದ ಎರಡು ಪದಗಳು ಕೂಡಿ ಭಯಂಕರವಾದ ಮೂರನೆಯದೊಂದು ಹೇಗೆ ಹುಟ್ಟಿತು? ಇದಕ್ಕೆ ಉತ್ತರ ವ್ಯಾಕರಣದಲ್ಲಿಲ್ಲ, ಚರಿತ್ರೆಯಲ್ಲಿದೆ.

ಪದವಿಯ ಚರಿತ್ರೆ

ಹಿಟ್ಲರನು ತನ್ನ ನಾಜಿ ಪಕ್ಷವನ್ನು 1925ರಲ್ಲಿ ಪುನಃ ಕಟ್ಟಿದಾಗ ದೇಶವನ್ನು ಪಕ್ಷದ ಕೆಲಸಕ್ಕಾಗಿ ‘ಗೌ’ಗಳೆಂದು ವಿಂಗಡಿಸಿ ಒಂದೊಂದಕ್ಕೂ ಒಬ್ಬ ಗೌಲೈಟರನನ್ನು ನೇಮಿಸಲಾಯಿತು. ಹಳೆಯ ಶಬ್ದವನ್ನು ಆರಿಸಿಕೊಂಡದ್ದರಲ್ಲಿಯೇ ಒಂದು ಉಪಾಯವಿತ್ತು: ಹೊಸ ಪಕ್ಷಕ್ಕೆ ಪುರಾತನ ಪರಂಪರೆಯ ವೇಷ ದೊರೆಯಿತು. ಗೌಲೈಟರನ ಕೆಳಗೆ ಕ್ರಮವಾಗಿ ಜಿಲ್ಲೆ, ಊರು, ಕೇರಿ, ಕಟ್ಟಕಡೆಗೆ ನಾಲ್ವತ್ತರಿಂದ ಅರವತ್ತು ಮನೆಗಳ ಒಂದು ಗುಂಪು, ಹೀಗೆ ಮೆಟ್ಟಿಲು ಮೆಟ್ಟಿಲಾಗಿ ‘ಲೈಟರ್’ಗಳ ಶ್ರೇಣಿ ಇಳಿದುಬಂದಿತ್ತು. ಕೊನೆಯ ಮೆಟ್ಟಿಲಿನವನ ಹೆಸರು ‘ಬ್ಲಾಕ್‌ಲೈಟರ್’. ಯಾವ ಮನೆಯಲ್ಲಿ ಯಾರು ಏನು ಮಾತನಾಡಿದರೆಂಬುದನ್ನು ಕಿವಿಗೊಟ್ಟು ಮೇಲಕ್ಕೆ ಮುಟ್ಟಿಸುವುದು ಅವನ ಕೆಲಸಗಳಲ್ಲಿ ಒಂದಾಗಿತ್ತು.

1933ರಲ್ಲಿ ನಾಜಿಗಳಿಗೆ ರಾಜ್ಯಾಧಿಕಾರ ದೊರೆತ ಮೇಲೆ ಪಕ್ಷದ ಪದವಿಗೂ ಸರ್ಕಾರದ ಪದವಿಗೂ ಇದ್ದ ಗೆರೆ ಅಳಿಸಿಹೋಯಿತು. ಅನೇಕ ಗೌಲೈಟರರು ಅದೇ ಪ್ರಾಂತದ ಆಡಳಿತಾಧಿಪತಿಗಳೂ ಆದರು. 1942ರ ನವೆಂಬರ್‌ನಲ್ಲಿ ಎಲ್ಲ ಗೌಲೈಟರರಿಗೂ ತಂತಮ್ಮ ಗೌಗಳಲ್ಲಿ ಯುದ್ಧಕಾಲದ ರಕ್ಷಣಾ ಕಮಿಷನರ್‌ ಪದವಿಯನ್ನು ಕೊಡಲಾಯಿತು. ಆ ಹೊತ್ತಿಗೆ ಗೌಗಳ ಸಂಖ್ಯೆ ವಿದೇಶಗಳಲ್ಲಿದ್ದ ಜರ್ಮನರಿಗಾಗಿ ಏರ್ಪಡಿಸಿದ್ದ ಒಂದೂ ಸೇರಿ 43.

ಈ ಪದವಿಯ ಜೀವಾಳವನ್ನು ವಿದ್ಯಾರ್ಥಿಗಳು ಗಮನವಿಟ್ಟು ನೋಡಬೇಕು. ಗೌಲೈಟರನನ್ನು ಜನರು ಆರಿಸುತ್ತಿರಲಿಲ್ಲ. ನ್ಯಾಯಾಲಯ ಅವನನ್ನು ಪ್ರಶ್ನಿಸುವಂತಿರಲಿಲ್ಲ. ಮಂತ್ರಿಗಳ ಮಾತೂ ಅವನ ಮುಂದೆ ಎಷ್ಟೋ ಸಲ ನಡೆಯುತ್ತಿರಲಿಲ್ಲ. ಅವನನ್ನು ನೇಮಿಸುವವನು ಹಿಟ್ಲರ್, ತೆಗೆಯುವವನು ಹಿಟ್ಲರ್, ಅವನು ಉತ್ತರ ಹೇಳಬೇಕಾದುದು ಹಿಟ್ಲರನೊಬ್ಬನಿಗೆ. ಕೆಳಗಿನವರ ಮೇಲೆ ಅಪರಿಮಿತವಾದ ಅಧಿಕಾರ, ಕೆಳಗಿನವರಿಗೆ ಮಾತ್ರ ಯಾವ ಉತ್ತರವೂ ಇಲ್ಲ: ಇದೇ ಆ ಶಬ್ದದ ತಿರುಳು.

ಲಕ್ಸೆಂಬರ್ಗಿನ ನಿದರ್ಶನ

ಗೌಲೈಟರನ ಆಳ್ವಿಕೆ ಎಂತಹುದೆಂಬುದಕ್ಕೆ ಲಕ್ಸೆಂಬರ್ಗ್ ಎಂಬ ಪುಟ್ಟ ದೇಶ ಸಾಕ್ಷಿ. 1940ರ ಮೇ 10ರಂದು ಜರ್ಮನ್ ಸೈನ್ಯ ಅದನ್ನು ಆಕ್ರಮಿಸಿತು. ಕೆಲವು ತಿಂಗಳಲ್ಲೇ ನೆರೆಯ ಪ್ರಾಂತದ ಗೌಲೈಟರ್ ಗುಸ್ತಾವ್ ಸಿಮೋನ್ ಅಲ್ಲಿಯ ನಾಗರಿಕ ಆಡಳಿತದ ಮುಖ್ಯಸ್ಥನಾಗಿ ಬಂದನು. ಅವನು ಮೊದಲು ಕೈಯಿಕ್ಕಿದ್ದು ಭಾಷೆಗೆ. ಆಗಸ್ಟ್ ತಿಂಗಳಲ್ಲಿಯೇ ಜರ್ಮನ್ ಒಂದೇ ಅಧಿಕೃತ ಭಾಷೆಯೆಂಬ ಆಜ್ಞೆ ಹೊರಟಿತು. ಫ್ರೆಂಚ್ ಭಾಷೆಯ ಬಳಕೆ ನಿಷಿದ್ಧವಾಯಿತು. ಬೀದಿಗಳ ಹೆಸರುಗಳು ಬದಲಾದವು; ಮನುಷ್ಯರ ಹೆಸರುಗಳನ್ನೂ ಜರ್ಮನ್ ರೂಪಕ್ಕೆ ತಿರುಗಿಸಬೇಕಾಯಿತು.

1941ರ ಅಕ್ಟೋಬರ್‌ನಲ್ಲಿ ಒಂದು ಜನಗಣತಿ ಏರ್ಪಾಡಾಯಿತು. ನಿಮ್ಮ ರಾಷ್ಟ್ರೀಯತೆ ಯಾವುದು, ಜನಾಂಗ ಯಾವುದು, ಮಾತೃಭಾಷೆ ಯಾವುದು ಎಂಬ ಪ್ರಶ್ನೆಗಳು ಅದರಲ್ಲಿದ್ದವು. ಲಕ್ಸೆಂಬರ್ಗಿನ ನುಡಿ ಭಾಷೆಯಲ್ಲ, ಜರ್ಮನ್ನಿನ ಒಂದು ಉಪಭಾಷೆ ಎಂಬುದು ಆಳುವವರ ವಾದವಾಗಿತ್ತು. ಆದಕಾರಣ ಅದನ್ನು ಉತ್ತರವಾಗಿ ಬರೆಯಕೂಡದೆಂದು ವಿಧಿಸಲಾಗಿತ್ತು. ಆದರೆ ಮೂರು ಪ್ರಶ್ನೆಗಳಿಗೂ ‘ಲಕ್ಸೆಂಬರ್ಗ್’ ಎಂದೇ ಬರೆಯಿರೆಂಬ ಮಾತು ಗುಟ್ಟಾಗಿ ಊರಿಂದೂರಿಗೆ ಹಬ್ಬಿತು. ಜನ ಹಾಗೆಯೇ ಮಾಡಲಿರುವರೆಂದು ತಿಳಿದಾಗ ಗೌಲೈಟರನು ಗಣತಿಯನ್ನೇ ನಿಲ್ಲಿಸಬೇಕಾಯಿತು. ಶಸ್ತ್ರವಿಲ್ಲದ ಜನ ಮಾತೃಭಾಷೆಯ ಹೆಸರೊಂದನ್ನು ಹಿಡಿದು ದರ್ಪವನ್ನು ಎದುರಿಸಿದ ಈ ಸಂಗತಿ ಭಾಷಾಭಿಮಾನಿಗಳೆಲ್ಲರೂ ನೆನೆಯತಕ್ಕದ್ದು.

ಮುಂದಿನ ವರ್ಷ ಆಗಸ್ಟ್ 30ರಂದು ಅಲ್ಲಿಯ ಯುವಕರನ್ನು ಜರ್ಮನ್ ಸೈನ್ಯಕ್ಕೆ ಕಡ್ಡಾಯವಾಗಿ ಸೇರಿಸಿಕೊಳ್ಳುವುದಾಗಿ ಸಿಮೋನ್ ಸಾರಿದನು. ಮರುದಿನವೇ ವಿಲ್ಟ್ಸ್ ಎಂಬ ಊರಿನಲ್ಲಿ ಮುಷ್ಕರ ಆರಂಭವಾಗಿ ದೇಶದಲ್ಲೆಲ್ಲ ಹರಡಿತು. ಉಕ್ಕಿನ ಕಾರ್ಖಾನೆಯ ಕಾರ್ಮಿಕರು ಹೊರಬಂದರು. ಶಾಲೆಗಳಲ್ಲಿ ಪಾಠಗಳು ನಿಂತವು. ಪ್ರತಿಯಾಗಿ 21 ಮಂದಿಗೆ ಮರಣದಂಡನೆಯಾಯಿತು. ಅವರಲ್ಲಿ ಶಾಲಾ ಶಿಕ್ಷಕರೂ ಇದ್ದರು. ಮರಣದಂಡನೆಯ ಪಟ್ಟಿಗಳನ್ನು ಕೆಂಪು ಭಿತ್ತಿಪತ್ರಗಳಲ್ಲಿ ಅಚ್ಚುಮಾಡಿ ಬೀದಿಗಳಲ್ಲಿ ಅಂಟಿಸಲಾಯಿತು. ಆ ದೇಶದಲ್ಲಿ ‘ಗೌಲೈಟರ್’ ಎಂಬ ಶಬ್ದಕ್ಕೆ ಅರ್ಥ ಹೇಳಲು ನಿಘಂಟು ಬೇಕಾಗಲಿಲ್ಲ.

ಇತರ ಗೌಲೈಟರರ ಕೃತ್ಯಗಳು ಇದಕ್ಕಿಂತಲೂ ಘೋರ. ಪೋಲೆಂಡಿನಿಂದ ಕಿತ್ತುಕೊಂಡ ವಾರ್ತೆಲಾಂಡ್ ಪ್ರಾಂತದ ಗೌಲೈಟರ್ ಆರ್ಥರ್ ಗ್ರೈಸರ್‌ನ ಆಳ್ವಿಕೆಯಲ್ಲಿಯೇ 1941ರ ಡಿಸೆಂಬರ್‌ನಲ್ಲಿ ಖೆಲ್ಮ್‌ನೋ ಎಂಬಲ್ಲಿ ಯೆಹೂದ್ಯರನ್ನು ವಿಷಾನಿಲದಿಂದ ಕೊಲ್ಲುವ ಶಿಬಿರ ತೆರೆಯಿತು. ತುರಿಂಗಿಯದ ಗೌಲೈಟರ್ ಫ್ರಿಟ್ಸ್ ಸೌಕೆಲ್ 1942ರಿಂದ ಪರದೇಶದ ಜನರನ್ನು ಜೀತಕ್ಕೆ ಎಳೆದುತರುವ ಹೊಣೆ ಹೊತ್ತನು. ಹಾಗೆ ತರಲ್ಪಟ್ಟವರು 50 ಲಕ್ಷಕ್ಕೂ ಮಿಕ್ಕವರೆಂದು ನ್ಯೂರೆಂಬರ್ಗಿನ ಅಂತಾರಾಷ್ಟ್ರೀಯ ನ್ಯಾಯಮಂಡಳಿ ಹೇಳಿತು. ಪೂರ್ವ ಪ್ರಷ್ಯದ ಎರಿಕ್ ಕೋಖ್, ಶತ್ರುಸೈನ್ಯ ಹತ್ತಿರ ಬರುತ್ತಿದ್ದಾಗಲೂ ಪ್ರಜೆಗಳು ಊರು ಬಿಡಕೂಡದೆಂದು ತಡೆದನು. ಕೊನೆಗೆ 1945ರ ಜನವರಿಯ ಹಿಮದಲ್ಲಿ ಹೆಂಗಸರು, ಮಕ್ಕಳು, ಮುದುಕರು ದಿಕ್ಕೆಟ್ಟು ಓಡಬೇಕಾಯಿತು. ಅವನಾದರೋ ಏಪ್ರಿಲ್‌ನಲ್ಲಿ ಹಡಗು ಹತ್ತಿ ಪಾರಾದನು. ಸೌಕೆಲ್‌ನಿಗೂ ಫ್ರಾಂಕೋನಿಯದ ಗೌಲೈಟರನಾಗಿದ್ದ ಯೂಲಿಯುಸ್ ಸ್ಟ್ರೈಖರ್‌ನಿಗೂ 1946ರ ಅಕ್ಟೋಬರ್ 16ರಂದು ನ್ಯೂರೆಂಬರ್ಗಿನಲ್ಲಿ ಗಲ್ಲಾಯಿತು. ಈ ಸ್ಟ್ರೈಖರ್ ಮೊದಲು ಪ್ರಾಥಮಿಕ ಶಾಲೆಯ ಉಪಾಧ್ಯಾಯನಾಗಿದ್ದವನು. ಓದು ಬಂದಮಾತ್ರಕ್ಕೆ ಹೃದಯ ಸಂಸ್ಕಾರಗೊಳ್ಳುವುದಿಲ್ಲ ಎಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ.

ಅರ್ಥದ ಹರವು

ಯುದ್ಧವಾರ್ತೆಗಳೊಡನೆ ಇಂಗ್ಲಿಷಿಗೆ ಹೋದ ಈ ಶಬ್ದಕ್ಕೆ ಇಂದಿನ ಇಂಗ್ಲಿಷ್ ನಿಘಂಟುಗಳು ಎರಡು ಅರ್ಥ ಕೊಡುತ್ತವೆ. ಮೊದಲನೆಯದು ಚಾರಿತ್ರಿಕವಾದ ಅರ್ಥ: ನಾಜಿ ಪಕ್ಷದ ಪ್ರಾಂತಾಧಿಪತಿ. ಎರಡನೆಯದು ಲಾಕ್ಷಣಿಕವಾದ ಅರ್ಥ: ಸಣ್ಣ ಅಧಿಕಾರ ಕೈಗೆ ಬಂದೊಡನೆ ದಬ್ಬಾಳಿಕೆ ನಡೆಸುವವನು. ಮೊದಲ ಅರ್ಥದಲ್ಲಿ ಶಬ್ದದ ಆದ್ಯಕ್ಷರವನ್ನು ದೊಡ್ಡದಾಗಿ ಬರೆಯುವುದೂ, ಎರಡನೆಯದರಲ್ಲಿ ಚಿಕ್ಕದಾಗಿ ಬರೆಯುವುದೂ ಅಲ್ಲಿ ರೂಢಿ. ಅಕ್ಷರ ಚಿಕ್ಕದಾದಂತೆ ಅಪರಾಧವೂ ಚಿಕ್ಕದಾಯಿತು! ವಾಹನ ನಿಲ್ಲಿಸಲು ಬಿಡದ ಕಾವಲುಗಾರನನ್ನೂ ನಿಯಮ ಎತ್ತಿ ಹೇಳುವ ಗುಮಾಸ್ತನನ್ನೂ ಅಲ್ಲಿ ಈ ಹೆಸರಿನಿಂದ ಮೂದಲಿಸುವುದುಂಟು.

ಶಬ್ದದ ತವರಿನಲ್ಲಿ ಸ್ಥಿತಿ ಬೇರೆ. ಜರ್ಮನರು ‘ಲೈಟರ್’ ಎಂಬುದನ್ನು ಬಿಡಲಿಲ್ಲ. ಬಿಟ್ಟರೆ ಶಾಲೆಗೂ ಕಚೇರಿಗೂ ಮುಖ್ಯಸ್ಥರ ಹೆಸರೇ ಇಲ್ಲವಾಗುತ್ತಿತ್ತು. ಆದರೆ ‘ಗೌಲೈಟರ್’ ಎಂಬ ಸಮಸ್ತಪದ ಅಲ್ಲಿ ಹಗುರವಾಗಿ ಆಡುವ ಮಾತಲ್ಲ. ಅಧಿಕಾರಿಯೊಬ್ಬನನ್ನು ಹಾಗೆ ಕರೆದರೆ ಮಾನಹಾನಿಯ ಮೊಕದ್ದಮೆಗೂ ಎಡೆಯಾಗಬಹುದು. ನೆರೆಮನೆಯ ವಿಷಯಗಳಲ್ಲಿ ಮೂಗು ತೂರಿಸುವವನಿಗೆ ಜನ ಹೇಳುವುದು ಶ್ರೇಣಿಯ ಕಡೆಯ ಮೆಟ್ಟಿಲಿನ ‘ಬ್ಲಾಕ್‌ವಾರ್ಟ್’ ಎಂಬ ಹೆಸರನ್ನು. ಆ ಕಾಲದ ಭಾಷೆ ಜನಮನವನ್ನು ಹೇಗೆ ಕೆಡಿಸಿತೆಂಬುದನ್ನು ಡ್ರೆಸ್ಡೆನ್ ನಗರದ ಯೆಹೂದ್ಯ ವಿದ್ವಾಂಸ ವಿಕ್ಟರ್ ಕ್ಲೆಂಪರರ್ ಪ್ರಾಣಭಯದ ನಡುವೆಯೇ ಟಿಪ್ಪಣಿ ಮಾಡಿಟ್ಟು 1947ರಲ್ಲಿ ಗ್ರಂಥವಾಗಿ ಪ್ರಕಟಿಸಿದನು. ಶಬ್ದಶಾಸ್ತ್ರವು ಪ್ರಾಣವನ್ನು ಪಣವಿಟ್ಟು ಮಾಡುವ ಲೋಕಸೇವೆಯೂ ಆಗಬಲ್ಲುದೆಂದು ಆ ಗ್ರಂಥ ತೋರಿಸುತ್ತದೆ.

ನಮ್ಮ ನುಡಿಯ ಸಾದೃಶ್ಯ

ಒಳ್ಳೆಯ ಅಥವಾ ಸಾಮಾನ್ಯವಾದ ಅರ್ಥವುಳ್ಳ ಶಬ್ದವು ಕೆಟ್ಟ ಅರ್ಥಕ್ಕೆ ಇಳಿಯುವುದನ್ನು ನಮ್ಮ ಭಾಷಾಶಾಸ್ತ್ರದ ಪಾಠಗಳಲ್ಲಿ ‘ಹೀನಾರ್ಥಪ್ರಾಪ್ತಿ’ ಎನ್ನುತ್ತೇವೆ. ಕನ್ನಡದ ‘ಸರ್ವಾಧಿಕಾರಿ’ ಇದಕ್ಕೆ ಉಜ್ಜ್ವಲವಾದ ಉದಾಹರಣೆ. ಹೊಯ್ಸಳರ ಶಾಸನಗಳಲ್ಲಿ ಇದು ಹಿರಿಯ ಮಂತ್ರಿಗಳ ಗೌರವದ ಬಿರುದು. ಹದಿನೆಂಟನೆಯ ಶತಮಾನದ ಮೈಸೂರಿನಲ್ಲಿ ಕಳಲೆಯ ನಂಜರಾಜಯ್ಯನು ಹೊಂದಿದ್ದುದೂ ಇದೇ ಪದವಿ. ಇಂದು ಅದೇ ಶಬ್ದ ಹಿಟ್ಲರ್, ಮುಸ್ಸೊಲಿನಿ ಮುಂತಾದವರಿಗೆ ಮೀಸಲು. ಪಾಳೆಯದ ಒಡೆಯನೆಂಬ ಅರ್ಥದ ‘ಪಾಳೆಯಗಾರ’ನೂ ‘ಪಾಳೆಯಗಾರಿಕೆ’ ಎಂಬ ಬೈಗುಳದಲ್ಲಿ ಬಂದು ನಿಂತಿದ್ದಾನೆ. ಅಧಿಕಾರವನ್ನು ಹೇಳುವ ಶಬ್ದಗಳು ಯಾವ ಭಾಷೆಯಲ್ಲಿಯೇ ಆಗಲಿ ಹೀಗೆ ಮಲಿನವಾಗುವುದಕ್ಕೆ ಕಾರಣ ಶಬ್ದವಲ್ಲ. ಅದನ್ನು ಹೊತ್ತವರ ನಡೆ. ಕೈ ಕೆಸರಾದರೆ ಕೈಯಲ್ಲಿದ್ದ ಓಲೆಯೂ ಕೆಸರಾಗುತ್ತದೆ.

ಪ್ರಯೋಗವಿವೇಕ

ಹಾಗಾದರೆ ಈ ಶಬ್ದವನ್ನು ಎಲ್ಲಿ ಬಳಸಬೇಕು, ಎಲ್ಲಿ ಬಳಸಬಾರದು? ಒರಟಾಗಿ ಮಾತನಾಡಿದವನೆಲ್ಲ ಗೌಲೈಟರ್ ಅಲ್ಲ. ನಿಯಮವನ್ನು ಕಟ್ಟುನಿಟ್ಟಾಗಿ ಪಾಲಿಸುವವನಂತೂ ಖಂಡಿತವಾಗಿ ಅಲ್ಲ. ಗೌಲೈಟರನ ಲಕ್ಷಣವೇ ನಿಯಮವನ್ನು ಮೀರಿ ನಡೆಯುವುದು. ಸಣ್ಣ ತಪ್ಪಿಗೆ ದೊಡ್ಡ ಹೆಸರಿಟ್ಟರೆ ಎರಡು ಹಾನಿಗಳುಂಟು. ಖೆಲ್ಮ್‌ನೋದಲ್ಲಿ ಅಳಿದವರ, ವಿಲ್ಟ್ಸ್‌ನಲ್ಲಿ ಎದ್ದುನಿಂತು ಪ್ರಾಣ ತೆತ್ತವರ ದುಃಖ ಹಗುರವಾಗುತ್ತದೆ ಎಂಬುದು ಒಂದು. ನಿಜವಾದ ದಬ್ಬಾಳಿಕೆ ಎದುರು ಬಂದು ನಿಂತ ದಿನ ಅದನ್ನು ಕರೆಯಲು ನಮ್ಮಲ್ಲಿ ಮಾತೇ ಉಳಿದಿರುವುದಿಲ್ಲ ಎಂಬುದು ಮತ್ತೊಂದು.

ಅಧಿಕಾರಿಯೊಬ್ಬನನ್ನು ತೂಗಬೇಕಾದಾಗ ಅವನ ದನಿಯ ಏರಿಳಿತವನ್ನು ನೋಡುವುದಕ್ಕಿಂತ ಮೂರು ಪ್ರಶ್ನೆಗಳನ್ನು ಕೇಳುವುದು ಲೇಸು. ಇವನು ಯಾರಿಗೆ ಉತ್ತರ ಹೇಳಬೇಕು? ಇವನ ಆಜ್ಞೆಯನ್ನು ಪ್ರಶ್ನಿಸಲು ಬಡವನಿಗೆ ಒಂದು ದಾರಿಯುಂಟೇ? ಮೇಲಿನವನು ಅನ್ಯಾಯದ ಆಜ್ಞೆ ಕೊಟ್ಟರೆ ಇವನು ಆಗದೆಂದು ಹೇಳಬಲ್ಲನೇ? ಮೂರನೆಯ ಪ್ರಶ್ನೆಯನ್ನು ಜರ್ಮನರು ತಮ್ಮ ಕಹಿ ಅನುಭವದಿಂದ ಚೆನ್ನಾಗಿ ಬಲ್ಲರು. ಅಲ್ಲಿಯ ಇಂದಿನ ಕಾನೂನಿನಂತೆ ಸರ್ಕಾರಿ ಅಧಿಕಾರಿಯು ತಾನು ಮಾಡುವ ಕಾರ್ಯದ ನ್ಯಾಯಬದ್ಧತೆಗೆ ತಾನೇ ಹೊಣೆ. ಮೇಲಿನ ಆಜ್ಞೆ ಕಾನೂನಿಗೆ ವಿರುದ್ಧವೆಂದು ತೋರಿದರೆ ಆಕ್ಷೇಪವನ್ನು ತಿಳಿಸುವುದು ಅವನ ಹಕ್ಕು ಮಾತ್ರವಲ್ಲ, ಕರ್ತವ್ಯ. ಮನುಷ್ಯನ ಘನತೆಗೆ ಕುಂದು ತರುವ ಆಜ್ಞೆಯನ್ನು ಅವನು ನೆರವೇರಿಸಕೂಡದು. ಗೌಲೈಟರನ ಪದವಿಗೆ ಇದಕ್ಕಿಂತ ಸಮರ್ಪಕವಾದ ಮರುತ್ತರ ಮತ್ತೊಂದಿರಲಾರದು.

ವಿದ್ಯಾರ್ಥಿಗಳಲ್ಲಿ ಕೆಲವರು ಮುಂದೆ ಅಧಿಕಾರಿಗಳಾಗುವರು, ಕೆಲವರು ಉಪಾಧ್ಯಾಯರಾಗುವರು, ಎಲ್ಲರೂ ಮನೆಯೊಡೆಯರೋ ಮನೆಯೊಡತಿಯರೋ ಆಗುವರು. ಅಧಿಕಾರವೆಂಬುದು ಯಾವುದಾದರೊಂದು ಅಳತೆಯಲ್ಲಿ ಎಲ್ಲರ ಕೈಗೂ ಬರತಕ್ಕದ್ದೇ. ಬಸವಣ್ಣನವರು ಬಿಜ್ಜಳನ ಭಂಡಾರದ ಕೀಲಿಕೈ ಹಿಡಿದಿದ್ದ ದಿನಗಳಲ್ಲಿಯೂ ತಮ್ಮನ್ನು ಶರಣರ ಸಾಲಿನಲ್ಲಿ ಕಡೆಯವರೆಂದೇ ಎಣಿಸಿಕೊಂಡವರು. ಮೇಲಿದ್ದ ಅರಸನಿಗೆ ಲೆಕ್ಕ ಒಪ್ಪಿಸುವುದರಷ್ಟೇ ಕೆಳಗಿದ್ದ ಕಾಯಕಜೀವಿಗಳಿಗೆ ಉತ್ತರ ಹೇಳುವುದನ್ನೂ ಕರ್ತವ್ಯವೆಂದು ಬಗೆದವರು. ‘ಭಂಡಾರಿ’ ಎಂಬ ಒಂದು ಸಾಮಾನ್ಯ ಹುದ್ದೆಯ ಹೆಸರು ಅವರಿಂದಾಗಿ ಪೂಜ್ಯವಾಯಿತು. ‘ಗೌಲೈಟರ್’ ಎಂಬ ಸಾಮಾನ್ಯ ಹುದ್ದೆಯ ಹೆಸರು ಅದನ್ನು ಹೊತ್ತವರಿಂದ ಹೇಯವಾಯಿತು. ನಾವು ಹೊರಲಿರುವ ಪದವಿಗಳ ಹೆಸರುಗಳನ್ನು ಮುಂದಿನವರು ಯಾವ ಅರ್ಥದಲ್ಲಿ ಆಡಬೇಕೆಂಬುದನ್ನು ನಿಘಂಟುಕಾರರು ನಿಶ್ಚಯಿಸುವುದಿಲ್ಲ; ನಮ್ಮ ನಡೆಯೇ ನಿಶ್ಚಯಿಸುತ್ತದೆ.