ಪರದೇಶದ ವೀಸಾ: ಎಷ್ಟು ಬಗೆ, ಎಷ್ಟು ಖರ್ಚು?



ಈ ಪುಟದಲ್ಲಿ ಟೊಮೇಟೊ ಸಸಿಯ ಎಲೆ ಮುರುಟು ರೋಗ, ಮಾವಿನ ಜಿಗಿಹುಳು, ಹನಿ ನೀರಾವರಿ ಮುಂತಾದ ವಿಷಯಗಳನ್ನು ಬರೆಯುವುದು ನನ್ನ ವಾಡಿಕೆ. ಈ ಸಲ ಬೇರೊಂದು ವಿಷಯ. ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರ ತಾಲ್ಲೂಕುಗಳ ಯಾವ ಹಳ್ಳಿಗೆ ಹೋದರೂ ಬೆಳೆಯ ಮಾತು ಮುಗಿದ ಮೇಲೆ ಯಾರಾದರೊಬ್ಬರು ಹತ್ತಿರ ಬಂದು, "ಸ್ವಾಮಿ, ದುಬೈಗೆ ಹುಡುಗನನ್ನು ಕಳಿಸಬೇಕಾದರೆ ಎಷ್ಟಾಗುತ್ತೆ?" ಎಂದು ಕೇಳುತ್ತಾರೆ. ಕೇಳುವುದರಲ್ಲಿ ತಪ್ಪೇನಿಲ್ಲ. ಸಾವಿರ ಅಡಿ ಕೊರೆದರೂ ಬರೀ ಧೂಳು ಹಾರಿಸುವ ಕೊಳವೆ ಬಾವಿ ಒಂದು ಕಡೆ. ಈ ವಾರ ಏರಿ ಮುಂದಿನ ವಾರ ರಸ್ತೆಗೆ ಸುರಿಯುವಂತೆ ಮಾಡುವ ಟೊಮೇಟೊ ದರ ಇನ್ನೊಂದು ಕಡೆ. ಗಡಿಯಾಚೆ ರಾಯಚೋಟಿ, ಕಡಪ ಕಡೆಯ ನೆಂಟರು ಕುವೈತಿನ ದುಡ್ಡಿನಲ್ಲಿ ಮನೆ ಕಟ್ಟಿಸಿದ್ದನ್ನು ಕಂಡ ನಮ್ಮ ಹುಡುಗರಿಗೆ ಆಸೆ ಹುಟ್ಟುವುದು ಸಹಜವೇ.

ನಾನು ಕೃಷಿ ಡಿಪ್ಲೊಮಾ ಓದಿದವನು, ಕಾನೂನು ಓದಿದವನಲ್ಲ. ಆದರೂ ಈ ಪಾಠವನ್ನು ಬರೆಯಲು ಒಂದು ಕಾರಣವುಂಟು, ಅದನ್ನು ಮೊದಲೇ ಹೇಳಿಬಿಡುತ್ತೇನೆ.

ಶ್ರೀನಿವಾಸಪುರ ತಾಲ್ಲೂಕಿನ ಒಂದು ಹಳ್ಳಿಯಲ್ಲಿ ಮಾವಿನ ಕೊಯ್ಲಿನ ಕಾಲ. ಹನಿ ನೀರಾವರಿಯ ಸಹಾಯಧನದ ಅರ್ಜಿಗಳನ್ನು ತುಂಬುತ್ತ ಕೂತಿದ್ದೆ. ಒಬ್ಬ ಯಜಮಾನರು ಬಂದು ಒಂದು ಕಾಗದ ತೋರಿಸಿ, "ಮಗನಿಗೆ ವೀಸಾ ಬಂದಿದೆ ಸ್ವಾಮಿ, ಸರಿಯಾಗಿದೆಯೇ ನೋಡಿ" ಎಂದರು. ಕಾಗದದ ಮೇಲೆ ಹುಡುಗನ ಭಾವಚಿತ್ರವಿತ್ತು, ಅರಬ್ಬಿ ಅಕ್ಷರವಿತ್ತು. ನಾನು ಕೈಯಲ್ಲಿದ್ದ ಅರ್ಜಿಯಿಂದ ಕಣ್ಣು ಪೂರ್ತಿ ಎತ್ತದೆಯೇ "ಸರಿ ಇರುವ ಹಾಗಿದೆ" ಎಂದುಬಿಟ್ಟೆ. ಒಂದು ವಾರದ ಮೇಲೆ ಅವರ ಮನೆಯ ಮುಂದೆ ಹಾದು ಹೋಗುವಾಗ ಹುಡುಗನ ತಾಯಿ ಕರೆದು, "ನನಗೆ ಓದು ಬರಲ್ಲ, ನೀನಾದರೂ ಅದರಲ್ಲಿ ಏನು ಬರೆದಿದೆಯೋ ಓದಿ ಹೇಳಪ್ಪ" ಎಂದರು. ಆಗ ಕೂತು ಓದಿದೆ. ಅದು ಅರವತ್ತು ದಿನದ ಪ್ರವಾಸಿ ವೀಸಾ. ಹುಡುಗನಿಗೆ ಹೇಳಿದ್ದದ್ದು ಗೋದಾಮಿನಲ್ಲಿ ಎರಡು ವರ್ಷದ ಕೆಲಸ. ಒಪ್ಪಿದ ಮೊತ್ತ 1,80,000 ರೂಪಾಯಿ. ಅದರಲ್ಲಿ 60,000 ಆಗಲೇ ಕೊಟ್ಟಾಗಿತ್ತು. ಉಳಿದುದಕ್ಕೆ ಎರಡು ಸೀಮೆ ಹಸುಗಳಿಗೆ ಗಿರಾಕಿ ಗೊತ್ತುಮಾಡಿದ್ದರು.

ನಾನು ಒಂದು ವಾರ ಮುಂಚೆ ಓದಿದ್ದರೆ ಎಂಬ ಯೋಚನೆ ಈಗಲೂ ಬರುತ್ತದೆ. ಅದಿರಲಿ, ವಿಷಯಕ್ಕೆ ಬರೋಣ.

ಪಾಸ್‌ಪೋರ್ಟ್ ಬೇರೆ, ವೀಸಾ ಬೇರೆ. ಪಾಸ್‌ಪೋರ್ಟ್ ಎಂಬುದು ನಮ್ಮ ಸರ್ಕಾರ ಕೊಡುವ ರಹದಾರಿ. "ಇವನು ನಮ್ಮವನು" ಎಂದು ಹೇಳುವ ಪುಸ್ತಕ. ವೀಸಾ ಎಂಬುದು ಆಚೆಯ ದೇಶದವರು ಒಳಗೆ ಬರಲು ಕೊಡುವ ಒಪ್ಪಿಗೆ. ಆ ಒಪ್ಪಿಗೆ ಯಾವ ಕಾರ್ಯಕ್ಕೆ ಎಂಬುದನ್ನು ಅದರಲ್ಲೇ ಬರೆದಿರುತ್ತಾರೆ. ಪಕ್ಕದ ತೋಟದವರು ಬದುವಿನ ಮೇಲೆ ಹಾದುಹೋಗಲು ಒಪ್ಪಿದರೆಂದು ನೀವು ಅಲ್ಲಿ ನೇಗಿಲು ಹೂಡಲಾದೀತೆ? ವೀಸಾದ ವಿಚಾರವೂ ಹಾಗೆಯೇ. ದೃಢೀಕೃತ ಬೀಜದ ಚೀಲ ಕೊಳ್ಳುವಾಗ ನೀಲಿ ಚೀಟಿ ಇದೆಯೇ, ತಳಿ ಯಾವುದು, ಅವಧಿ ಎಂದಿನವರೆಗೆ ಎಂದು ನೋಡುತ್ತೀರಲ್ಲ, ವೀಸಾದ ಕಾಗದದಲ್ಲೂ ಬಗೆ, ಅವಧಿ ಮತ್ತು ಕೆಲಸ ಕೊಡುವವನ ಹೆಸರು ಈ ಮೂರನ್ನು ನೋಡಬೇಕು.

ನೇಪಾಳಕ್ಕೂ ಭೂತಾನಕ್ಕೂ ಹೋಗಲು ಭಾರತೀಯರಿಗೆ ವೀಸಾ ಬೇಡ. ಬೇರೆ ದೇಶಗಳದು ಬೇರೆ ಬೇರೆ ಕಟ್ಟಳೆ.

ನೋಡಿಬರಲು, ನೆಂಟರ ಮನೆಗೆ ಹೋಗಿಬರಲು ಕೊಡುವುದು ಪ್ರವಾಸಿ ಅಥವಾ ಭೇಟಿ ವೀಸಾ. ಅಮೆರಿಕದಲ್ಲಿ ಇದಕ್ಕೆ ಬಿ-1, ಬಿ-2 ಎಂದು ಹೆಸರು. 2023ರ ಜೂನ್‌ನಿಂದ ಅರ್ಜಿ ಶುಲ್ಕ 185 ಡಾಲರು, ಎಂದರೆ ಹದಿನೈದು ಸಾವಿರ ರೂಪಾಯಿಗೂ ಮಿಕ್ಕಿ. ಇದರ ಮೇಲೆ ಇನ್ನೂ 250 ಡಾಲರ್ ಹೇರಲು 2025ರ ಜುಲೈಯಲ್ಲಿ ಅಲ್ಲಿ ಕಾನೂನಾಯಿತು. ಫ್ರಾನ್ಸ್, ಜರ್ಮನಿ, ಇಟಲಿ ಮುಂತಾದ ಯೂರೋಪಿನ ದೇಶಗಳು ಒಟ್ಟುಗೂಡಿ ಕೊಡುವ ಷೆಂಗೆನ್ ವೀಸಾಕ್ಕೆ 2024ರ ಜೂನ್ 11ರಿಂದ ದೊಡ್ಡವರಿಗೆ 90 ಯೂರೋ. ಅದರಲ್ಲಿ ಯಾವುದೇ 180 ದಿನಗಳ ಒಳಗೆ 90 ದಿನ ಮಾತ್ರ ಇರಬಹುದು. ಮಗಳು ಮೊಮ್ಮಗಳನ್ನು ನೋಡಲು ಹೋಗುವ ತಂದೆತಾಯಿಗಳು ಇನ್ನೊಂದು ಮಾತು ನೆನಪಿಡಿ: ಇದು ಅರ್ಜಿಯ ಶುಲ್ಕ. ವೀಸಾ ಸಿಗದಿದ್ದರೂ ಹಣ ಹಿಂದಕ್ಕೆ ಬಾರದು.

ಓದಲು ಹೋಗುವ ಮಕ್ಕಳ ವೀಸಾ ಇನ್ನೊಂದು. ಅಮೆರಿಕದ್ದು ಎಫ್-1, ಅದಕ್ಕೂ 185 ಡಾಲರು, ಜೊತೆಗೆ ವಿದ್ಯಾರ್ಥಿಯ ದಾಖಲೆಗೆಂದು 350 ಡಾಲರು.

ಇನ್ನು ದುಡಿಯುವ ವೀಸಾ. ನಮ್ಮ ಕೆಲಸ ಇರುವುದು ಇದರ ಮೇಲೆಯೇ. ಇದನ್ನು ನೀವು ಅಂಗಡಿಯಲ್ಲಿ ಕೊಂಡಂತೆ ಕೊಳ್ಳಲು ಬರುವುದಿಲ್ಲ. ಮೊದಲು ಅಲ್ಲಿನ ಧಣಿ, ಕಂಪನಿಯೋ ಮನೆಯೊಡೆಯನೋ, ತನ್ನ ಸರ್ಕಾರಕ್ಕೆ ಅರ್ಜಿ ಗುಜರಾಯಿಸಿ ಅನುಮತಿ ಪಡೆಯಬೇಕು. ಅದು ಬಂದ ಮೇಲೆಯೇ ಕೆಲಸಗಾರನಿಗೆ ವೀಸಾ. ಅಮೆರಿಕದ ಎಚ್-1ಬಿ ಎಂಬುದನ್ನು ಬೆಂಗಳೂರಿನ ಕಂಪ್ಯೂಟರ್ ಹುಡುಗರಿಂದ ಕೇಳಿರುತ್ತೀರಿ. 2025ರ ಸೆಪ್ಟೆಂಬರಿನಲ್ಲಿ ಹೊರಗಿನಿಂದ ಹೊಸಬರನ್ನು ಕರೆಸುವ ಕಂಪನಿಗಳು ಒಂದು ಲಕ್ಷ ಡಾಲರು ಕಟ್ಟಬೇಕೆಂದು ಅಲ್ಲಿನ ಅಧ್ಯಕ್ಷರು ಆಜ್ಞೆ ಹೊರಡಿಸಿದರು. ಹೊಲದ ಕೆಲಸಕ್ಕೂ ಅಲ್ಲಿ ಎಚ್-2ಎ ಎಂಬ ಹಂಗಾಮಿನ ವೀಸಾ ಇದೆ. ಕೆಲಸಕ್ಕೆ ಸೇರಿಸಿಕೊಂಡದ್ದಕ್ಕೆಂದು ಕೆಲಸಗಾರನಿಂದ ಹಣ ವಸೂಲು ಮಾಡಕೂಡದೆಂಬುದು ಅದರ ನಿಯಮ. ಯಾರಾದರೂ "ಅಮೆರಿಕದಲ್ಲಿ ಸೇಬು ಕೀಳುವ ಕೆಲಸ, ಐದು ಲಕ್ಷ ಕೊಡಿ" ಎಂದರೆ ಈ ಒಂದು ಮಾತು ಹೇಳಿ ಅವರ ಮುಖ ನೋಡಿ.

ನಮ್ಮ ಕಡೆಯವರು ಹೆಚ್ಚಾಗಿ ಕೇಳುವುದು ಕೊಲ್ಲಿ ದೇಶಗಳನ್ನು. ಕುವೈತಿನ ವೀಸಾಗಳನ್ನು ಅಂಕಿಯಿಂದ ಕರೆಯುತ್ತಾರೆ. 18 ಎಂದರೆ ಖಾಸಗಿ ಕಂಪನಿಯ ಕೆಲಸ. 20 ಎಂದರೆ ಮನೆಗೆಲಸ. ಮನೆಯ ಅಡುಗೆಯವರು, ಮನೆಯ ಡ್ರೈವರು ಎಲ್ಲ 20ಕ್ಕೆ ಸೇರುತ್ತಾರೆ. ಕಂಪನಿ ಕೆಲಸ ಎಂದು ಹೇಳಿ 20ರ ವೀಸಾ ಕೈಗಿತ್ತರೆ ಹುಡುಗ ಅಲ್ಲಿ ಒಂದು ಮನೆಯ ಆಳಾಗುತ್ತಾನೆಯೇ ಹೊರತು ಕಂಪನಿಯ ನೌಕರನಲ್ಲ. ಅರಬ್ ಸಂಯುಕ್ತ ಸಂಸ್ಥಾನದಲ್ಲಿ, ಎಂದರೆ ದುಬೈ, ಅಬುಧಾಬಿ, ಷಾರ್ಜಾ ಇರುವ ದೇಶದಲ್ಲಿ, 2021ರ ಕಾರ್ಮಿಕ ಕಾನೂನಿನ ಪ್ರಕಾರ ನೇಮಕಾತಿಯ ಖರ್ಚನ್ನು ಧಣಿ ಕೆಲಸಗಾರನ ಮೇಲೆ ಹೇರುವಂತಿಲ್ಲ. ಪರವಾನಗಿ ಇಲ್ಲದವನನ್ನು ದುಡಿಸಿಕೊಂಡ ಧಣಿಗೆ 2024ರ ತಿದ್ದುಪಡಿಯಂತೆ ಒಂದು ಲಕ್ಷದಿಂದ ಹತ್ತು ಲಕ್ಷ ದಿರ್ಹಮ್‌ವರೆಗೆ ದಂಡ. ಸೌದಿ ಅರೇಬಿಯದಲ್ಲೂ ಕೆಲಸದ ಪರವಾನಗಿ ಮತ್ತು ಇಕಾಮಾ ಎಂಬ ನಿವಾಸ ಚೀಟಿಯ ಶುಲ್ಕ ಧಣಿಯದೇ. ಉಮ್ರಾ ಅಥವಾ ಹಜ್ ಯಾತ್ರೆಯ ವೀಸಾದಲ್ಲಿ ಹೋದವರು ಅಲ್ಲಿ ಕೂಲಿಗೆ ನಿಲ್ಲುವಂತಿಲ್ಲ.

ಹಾಗಾದರೆ ಏಜೆಂಟರು ಪ್ರವಾಸಿ ವೀಸಾ ಏಕೆ ಕೊಡಿಸುತ್ತಾರೆ? ಇದನ್ನು ಸ್ವಲ್ಪ ನಿಧಾನವಾಗಿ ತಿಳಿಯಬೇಕು. ಹತ್ತನೆಯ ತರಗತಿ ಪಾಸಾಗದವರ ಪಾಸ್‌ಪೋರ್ಟಿನಲ್ಲಿ ಸಾಮಾನ್ಯವಾಗಿ "ವಲಸೆ ತಪಾಸಣೆ ಅಗತ್ಯ" ಎಂಬ ಅರ್ಥದ ಇಂಗ್ಲಿಷ್ ಒಕ್ಕಣೆ ಇರುತ್ತದೆ. ಇಂಥವರು ಕುವೈತ್, ಸೌದಿ, ಕತಾರ್, ಒಮಾನ್, ಬಹರೇನ್, ಅರಬ್ ಸಂಯುಕ್ತ ಸಂಸ್ಥಾನ, ಮಲೇಷ್ಯಾ ಮೊದಲಾದ 18 ದೇಶಗಳಿಗೆ ದುಡಿಯಲು ಹೋಗಬೇಕಾದರೆ 1983ರ ವಲಸೆ ಕಾಯಿದೆಯಂತೆ ವಲಸೆಗಾರರ ರಕ್ಷಣಾಧಿಕಾರಿಯ ಅನುಮತಿ ಪಡೆಯಬೇಕು. ಆ ಅಧಿಕಾರಿ ಧಣಿ ಯಾರು, ಸಂಬಳ ಎಷ್ಟು, ಕರಾರು ಏನು ಎಂದು ನೋಡುತ್ತಾರೆ. ವಿಮೆ ಮಾಡಿಸಿಯೇ ಬಿಡುತ್ತಾರೆ. ನೋಡಿಬರಲು ಹೋಗುವವನಿಗೆ ಈ ತಪಾಸಣೆ ಇಲ್ಲ. ಕೆಟ್ಟ ಏಜೆಂಟನು ನುಸುಳುವುದು ಈ ಕಂಡಿಯಿಂದಲೇ. ಪ್ರವಾಸಿ ವೀಸಾದಲ್ಲಿ ದಾಟಿಸಿದರೆ ಕರಾರು ತೋರಿಸಬೇಕಿಲ್ಲ, ವಿಮೆ ಬೇಕಿಲ್ಲ, ಹುಡುಗನ ಹೆಸರು ಯಾವ ದಫ್ತರದಲ್ಲೂ ಕೆಲಸಗಾರನೆಂದು ಇರುವುದಿಲ್ಲ. ಅಲ್ಲಿ ಸಂಬಳ ಕೊಡದಿದ್ದರೆ ಕೇಳಲು ಹೋದವನೇ ತಪ್ಪಿತಸ್ಥ.

ಈಗ ಲೆಕ್ಕ. ಸ್ಲೇಟು ಬಳಪ ತೆಗೆದುಕೊಳ್ಳಿ. ಹತ್ತು ವರ್ಷ ಬಾಳುವ ಸಾಮಾನ್ಯ ಪಾಸ್‌ಪೋರ್ಟಿಗೆ 1,500 ರೂಪಾಯಿ. ತತ್ಕಾಲ್ ಬೇಕಾದರೆ ಇನ್ನೂ 2,000. ಸರ್ಕಾರದಲ್ಲಿ ನೋಂದಾಯಿಸಿದ ಏಜೆಂಟನು ತನ್ನ ಸೇವೆಗೆಂದು ಹೆಚ್ಚೆಂದರೆ 30,000 ರೂಪಾಯಿ, ಮೇಲೆ ಶೇಕಡ 18 ತೆರಿಗೆ, ಒಟ್ಟು 35,400 ತೆಗೆದುಕೊಳ್ಳಬಹುದು. ಅದಕ್ಕೆ ರಸೀತಿ ಕೊಡಲೇಬೇಕು. ವಲಸೆ ಅನುಮತಿಗೆ 200. ಪ್ರವಾಸಿ ಭಾರತೀಯ ಬೀಮಾ ಯೋಜನೆಯ ಕಂತು ಎರಡು ವರ್ಷಕ್ಕೆ 275, ಮೂರು ವರ್ಷಕ್ಕೆ 375. ಅಪಘಾತದಲ್ಲಿ ಸತ್ತರೆ ಅಥವಾ ಶಾಶ್ವತವಾಗಿ ಅಂಗವಿಕಲರಾದರೆ ಹತ್ತು ಲಕ್ಷದ ಪರಿಹಾರ. ಹೊರಡುವ ಮೊದಲಿನ ಒಂದು ದಿನದ ತಿಳಿವಳಿಕೆ ತರಬೇತಿಗೆ ಕಾಸಿಲ್ಲ. ಕೂಡಿ ನೋಡಿ: ಮೂವತ್ತೆಂಟು ಸಾವಿರದೊಳಗೆ ಮುಗಿಯಿತು. ವೈದ್ಯಕೀಯ ಪರೀಕ್ಷೆ, ಬೆಂಗಳೂರಿಗೆ ಓಡಾಟ ಬೇರೆ. ವಿಮಾನದ ಖರ್ಚು ಯಾರದು ಎಂಬುದನ್ನು ಕರಾರಿನಲ್ಲಿ ಬರೆಸಿಕೊಳ್ಳಬೇಕು. ನಮ್ಮ ಯಜಮಾನರಿಗೆ ಹೇಳಿದ್ದ 1,80,000ದಲ್ಲಿ ಉಳಿದ ಲಕ್ಷಕ್ಕೂ ಮಿಕ್ಕ ಹಣ ಯಾತಕ್ಕೆ ಎಂಬುದಕ್ಕೆ ಆ ಏಜೆಂಟನ ಬಳಿ ಉತ್ತರವಿರಲಿಲ್ಲ, ರಸೀತಿಯೂ ಇರಲಿಲ್ಲ.

ನೋಂದಾಯಿತ ಏಜೆಂಟರ ಪಟ್ಟಿ ಕೇಂದ್ರ ಸರ್ಕಾರದ ಇ-ಮೈಗ್ರೇಟ್ ಜಾಲತಾಣದಲ್ಲಿದೆ. ಮೊಬೈಲಿನಲ್ಲಿ ಮಕ್ಕಳೇ ತೆಗೆದು ತೋರಿಸುತ್ತಾರೆ. ದೊಡ್ಡ ಏಜೆಂಟರ ಹೆಸರು ಹೇಳಿಕೊಂಡು ಹಳ್ಳಿ ತಿರುಗುವ ಮರಿ ದಳ್ಳಾಳಿಗಳು ಆ ಪಟ್ಟಿಯಲ್ಲಿ ಇರುವುದಿಲ್ಲ. ನೋಂದಣಿ ಇಲ್ಲದೆ ಜನರನ್ನು ಕಳಿಸುವವನಿಗೆ 1983ರ ಕಾಯಿದೆಯಲ್ಲಿ ಎರಡು ವರ್ಷದವರೆಗೆ ಸೆರೆ, ಎರಡು ಸಾವಿರ ರೂಪಾಯಿವರೆಗೆ ಜುಲ್ಮಾನೆ ಎಂದಿದೆ. ಎರಡು ಸಾವಿರಕ್ಕೆ ಈಗ ಒಂದು ಒಳ್ಳೆಯ ಮೇಕೆ ಮರಿಯೂ ಬಾರದು ಎಂಬುದು ನನ್ನ ದುಃಖ. ಹೆಣ್ಣುಮಕ್ಕಳ ವಿಷಯದಲ್ಲಿ ಕಟ್ಟು ಇನ್ನೂ ಬಿಗಿ: ತಪಾಸಣೆಯ ಪಾಸ್‌ಪೋರ್ಟ್ ಇರುವ ಹೆಂಗಸರು ಮೂವತ್ತು ವರ್ಷ ತುಂಬದೆ ಆ 18 ದೇಶಗಳಿಗೆ ಮನೆಗೆಲಸಕ್ಕೆ ಹೋಗುವಂತಿಲ್ಲ, ಮತ್ತು ಖಾಸಗಿ ಏಜೆಂಟರ ಮೂಲಕವೂ ಅಲ್ಲ, ಸರ್ಕಾರಿ ಸಂಸ್ಥೆಗಳ ಮೂಲಕವೇ ಹೋಗಬೇಕು.

ನಮ್ಮ ರಾಜ್ಯದವರೇ ಕಂಡ ಕಷ್ಟಗಳು ದೂರದ ಕಥೆಯಲ್ಲ. ಗಿಡಮೂಲಿಕೆ ಎಣ್ಣೆ ಮಾರಲು ಹೋಗಿದ್ದ ಕರ್ನಾಟಕದ ಹಕ್ಕಿಪಿಕ್ಕಿ ಜನರು 2023ರ ಏಪ್ರಿಲ್‌ನಲ್ಲಿ ಸುಡಾನಿನ ಯುದ್ಧದ ನಡುವೆ ಅನ್ನ ನೀರಿಲ್ಲದೆ ಸಿಕ್ಕಿಕೊಂಡರು. ಸರ್ಕಾರ ಆಪರೇಷನ್ ಕಾವೇರಿ ಎಂದು ಹೆಸರಿಟ್ಟು ಹಡಗು, ವಿಮಾನ ಕಳಿಸಿ ಅವರನ್ನೂ ಸೇರಿಸಿ 3,800ಕ್ಕೂ ಹೆಚ್ಚು ಮಂದಿಯನ್ನು ಕರೆತಂದಿತು. ಕಲಬುರಗಿ ಕಡೆಯ ತರುಣರು ಕೆಲಸವೆಂದು ರಷ್ಯಾಕ್ಕೆ ಹೋಗಿ, ಯುದ್ಧಭೂಮಿಗೆ ದೂಡಲ್ಪಟ್ಟು, 2024ರ ಸೆಪ್ಟೆಂಬರಿನಲ್ಲಿ ಊರು ಸೇರಿದರು. ಥಾಯ್ಲೆಂಡಿನಲ್ಲಿ ಕಂಪ್ಯೂಟರ್ ಕೆಲಸವೆಂದು ನಂಬಿ ಹೋಗಿ ಗಡಿಯಾಚೆ ಮ್ಯಾನ್ಮಾರಿನ ಮ್ಯಾವಡ್ಡಿಯಲ್ಲಿ ಮೋಸದ ಕಂಪನಿಗಳ ಕೈಗೆ ಬಿದ್ದವರಲ್ಲಿ ಐನೂರಕ್ಕೂ ಹೆಚ್ಚು ಭಾರತೀಯರನ್ನು 2025ರ ಮಾರ್ಚಿಯಲ್ಲಿ ವಾಯುಪಡೆಯ ವಿಮಾನಗಳಲ್ಲಿ ತಂದರು. ಆ ದೇಶಕ್ಕೆ ವೀಸಾ ಇಲ್ಲದೆಯೇ ಪ್ರವಾಸ ಹೋಗಲು 2023ರ ನವೆಂಬರಿನಿಂದ ಅವಕಾಶ ಸಿಕ್ಕಿದ್ದು ಪ್ರವಾಸಿಗಳಿಗೆ ಅನುಕೂಲವಾಯಿತು, ಮೋಸಗಾರರಿಗೂ ಅನುಕೂಲವಾಯಿತು.

ಕಾಗದ ಬಂದ ಕೂಡಲೇ ಹಣ ಎಣಿಸಬೇಡಿ. ಅದನ್ನು ಪಂಚಾಯಿತಿ ಕಚೇರಿಗೆ ತನ್ನಿ, ಅಥವಾ ನನಗೆ ಹೊಲದಲ್ಲೇ ತೋರಿಸಿ. ಈಗ ನಾನು ಕೈಯಲ್ಲಿನ ಕೆಲಸ ಬಿಟ್ಟು ಓದುತ್ತೇನೆ. ವಿದೇಶಾಂಗ ಇಲಾಖೆಯ ಸಹಾಯ ಕೇಂದ್ರಕ್ಕೆ 1800-11-3090 ಸಂಖ್ಯೆಗೆ ಕಾಸಿಲ್ಲದೆ ಫೋನ್ ಮಾಡಬಹುದು. ಕರಾರಿನ ಒಂದು ಪ್ರತಿ, ವೀಸಾದ ಪ್ರತಿ, ಪಾಸ್‌ಪೋರ್ಟಿನ ಪ್ರತಿ ಮನೆಯ ಪೆಟ್ಟಿಗೆಯಲ್ಲಿ ಇರಲಿ. ಹುಡುಗ ಹೊರಟ ಮೇಲೆ ಹುಡುಕುವಂತಾದರೆ ಆ ಮೂರು ಕಾಗದ ಇಲ್ಲದೆ ಯಾವ ಅಧಿಕಾರಿಯೂ ಹೆಜ್ಜೆ ಇಡಲಾರ.

ಶ್ರೀನಿವಾಸಪುರದ ಆ ಯಜಮಾನರು ಊರ ಹಿರಿಯರನ್ನು ಕರೆದುಕೊಂಡು ಹೋಗಿ ಕೇಳಿದ್ದರಿಂದ 25,000 ಹಿಂದಕ್ಕೆ ಬಂತು. ಉಳಿದ 35,000ಕ್ಕೆ ಪೊಲೀಸ್ ಠಾಣೆಯಲ್ಲಿ ದೂರು ಕೊಟ್ಟಿದ್ದಾರೆ. ಹಸುಗಳು ಕೊಟ್ಟಿಗೆಯಲ್ಲೇ ಇವೆ, ಡೇರಿಗೆ ಹಾಲು ಹೋಗುತ್ತಿದೆ. ಹುಡುಗ ಸದ್ಯಕ್ಕೆ ನರಸಾಪುರದ ಕಾರ್ಖಾನೆಯೊಂದಕ್ಕೆ ಹೋಗುತ್ತಿದ್ದಾನೆ. ದುಬೈ ಆಸೆ ಅವನಿಗೆ ಬಿಟ್ಟಿಲ್ಲ, ಬಿಡಬೇಕೆಂದು ನಾನೂ ಹೇಳಿಲ್ಲ. ಹತ್ತನೆಯ ತರಗತಿಯಲ್ಲಿ ಉಳಿದುಹೋದ ಗಣಿತ ಪರೀಕ್ಷೆಗೆ ಈ ಸಲ ಹಣ ಕಟ್ಟಿದ್ದಾನೆ; ಭಾನುವಾರ ಸಂಜೆ ಪುಸ್ತಕ ಹಿಡಿದು ನನ್ನ ಹತ್ತಿರ ಬರುತ್ತಾನೆ.