ಕಂಬ ಕಡೆದವರು ಯಾರು?

ಬೇಲೂರಿನ ಚೆನ್ನಕೇಶವ ದೇವಾಲಯವು ಹೊಯ್ಸಳ ವಿಷ್ಣುವರ್ಧನನ ಕಾಲದಲ್ಲಿ, 1117ರಲ್ಲಿ, ಪ್ರತಿಷ್ಠೆಗೊಂಡಿತೆಂಬುದು ನಮ್ಮ ಕಾಲೇಜಿನಲ್ಲಿ ಎಲ್ಲರೂ ಬಲ್ಲ ವಿಷಯ. ಆದರೆ ಅಲ್ಲಿಯ ಮತ್ತು ಹಳೇಬೀಡಿನ ನುಣುಪಾದ ಕಂಬಗಳನ್ನು ತೋರಿಸಿ, ಇವು ಮನುಷ್ಯರ ಕೈಕೆಲಸವಲ್ಲ, ಕಣ್ಮರೆಯಾದ ಯಾವುದೋ ಮಹಾಯಂತ್ರದ ಅಥವಾ ಅನ್ಯಗ್ರಹದವರ ಕೆಲಸ, ಇತಿಹಾಸಕಾರರು ಇದನ್ನು ಮುಚ್ಚಿಟ್ಟಿದ್ದಾರೆ ಎಂದು ಸಾರುವ ವಿಡಿಯೋಗಳು ಈಗ ಮೊಬೈಲಿನಿಂದ ಮೊಬೈಲಿಗೆ ಹರಿದಾಡುತ್ತಿವೆ. ವಿದ್ಯಾವಂತರೂ ಇದನ್ನು ನಂಬುವುದೇಕೆ?

ಮಾತಿನಲ್ಲಿ ಒಂದೆಳೆ ನಿಜವಿರುವುದು ಮೊದಲ ಕಾರಣ. ಕಂಬಗಳ ಮೇಲಿನ ಸಮನಾದ ಉಂಗುರಗಳನ್ನು ನೋಡಿ, ಅವನ್ನು ತಿರುಗಿಸಿಯೇ ಕಡೆದಿರಬೇಕೆಂದು ವಿದ್ವಾಂಸರೂ ಹೇಳುತ್ತಾರೆ. ಚನ್ನಪಟ್ಟಣದಲ್ಲಿ ಬೊಂಬೆಯ ಮರವನ್ನು ಕಡೆಯುವ ತತ್ತ್ವವೂ ಅದೇ. ಕಲ್ಲಾದರೋ ಬಳಪದ ಕಲ್ಲು. ನೆಲದಿಂದ ತೆಗೆದ ಹೊಸದರಲ್ಲಿ ಉಳಿಗೆ ಸುಲಭವಾಗಿ ಒಗ್ಗುತ್ತದೆ, ಗಾಳಿಗೆ ಒಡ್ಡಿದಂತೆ ಗಡುಸಾಗುತ್ತದೆ. ಕಂಬ ಉಳಿಯಿತು, ತಿರುಗಿಸಿದ ಸಾಧನ ಉಳಿಯಲಿಲ್ಲ. ಆ ಬರಿದಾದ ಜಾಗಕ್ಕೆ ಕಲ್ಪನೆ ಬಂದು ಕುಳಿತಿತು.

ಎರಡನೆಯ ಕಾರಣ ಅಭಿಮಾನ. ಪರರ ಆಳ್ವಿಕೆಯಲ್ಲಿ ಕುಗ್ಗಿದ್ದ ಜನಕ್ಕೆ ಪೂರ್ವಿಕರ ಹಿರಿಮೆ ಬೇಕಾಗಿತ್ತು. ಆನೇಕಲ್ಲಿನ ಸುಬ್ಬರಾಯ ಶಾಸ್ತ್ರಿಗಳು 1918ರಿಂದ 1923ರವರೆಗೆ ಹೇಳಿ ಬರೆಯಿಸಿದ ‘ವೈಮಾನಿಕ ಶಾಸ್ತ್ರ’ವನ್ನು ಭರದ್ವಾಜ ಮಹರ್ಷಿಯದೆಂದು ಅನೇಕರು ನಂಬಿದರು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಐವರು ವಿದ್ವಾಂಸರು 1974ರಲ್ಲಿ ಅದನ್ನು ಪರಿಶೀಲಿಸಿ, ಗ್ರಂಥವು 1904ಕ್ಕಿಂತ ಹಿಂದಿನದಲ್ಲವೆಂದೂ ಅದರ ವಿಮಾನಗಳು ಹಾರಲಾರವೆಂದೂ ತೀರ್ಮಾನಿಸಿದರು. ನಂಬಿಕೆ ಮಾತ್ರ ನಿಂತಿಲ್ಲ!

ನನಗೆ ಮುಖ್ಯವೆನಿಸುವುದು ಮೂರನೆಯದು. ನನ್ನ ತಂದೆ ಹೊರನಾಡಿನ ಸುತ್ತಿನ ಕಾಫಿ ತೋಟಗಳಲ್ಲಿ ಇಳಿಜಾರಿಗೆ ಕಾಡುಗಲ್ಲಿನ ಗೋಡೆ ಕಟ್ಟುವವರು. ಗಾರೆಯಿಲ್ಲದ ಆ ಗೋಡೆಗಳು ಮಲೆನಾಡಿನ ಮಳೆಯನ್ನು ತಡೆದು ನಿಂತಿವೆ. ನೋಡಿದವರು ತೋಟ ಯಾರದೆಂದು ಕೇಳುತ್ತಾರೆಯೇ ಹೊರತು ಕಟ್ಟಿದವರಾರೆಂದು ಕೇಳಿದ್ದನ್ನು ನಾನು ಕಂಡಿಲ್ಲ. ಕೆಲಸದವನಿಗೆ ಬುದ್ಧಿಯಿರಬಹುದೆಂಬುದು ಹೊಳೆಯದಿದ್ದಾಗ, ಅವನ ಕೆಲಸ ಚೆನ್ನಾಗಿದ್ದಷ್ಟೂ ಅದು ಮತ್ತಾರದೋ ಆಗಿಬಿಡುತ್ತದೆ. ಜಕಣಾಚಾರಿಯ ಕಥೆಯೂ ಒಂದು ರೀತಿಯಲ್ಲಿ ಹೀಗೆಯೇ (ಹಿರಿಯರು ಕ್ಷಮಿಸಬೇಕು): ನೂರಾರು ಜನರ ದುಡಿಮೆಯನ್ನು ಒಬ್ಬ ಅದ್ಭುತ ಪುರುಷನ ಹೆಸರಿಗೆ ಕಟ್ಟಿ, ಉಳಿದವರನ್ನು ಮರೆತೆವು.

ಅವರು ಹೆಸರಿಲ್ಲದವರೇನೂ ಅಲ್ಲ. ಬಳ್ಳಿಗಾವೆಯಿಂದ ಬಂದ ದಾಸೋಜ, ಅವನ ಮಗ ಚಾವಣ ಬೇಲೂರಿನಲ್ಲಿ ತಮ್ಮ ಹೆಸರು ಕೆತ್ತಿದ್ದಾರೆ. ನಮ್ಮ ಜಿಲ್ಲೆಯ ಅಮೃತಾಪುರದ 1196ರ ಗುಡಿಯಲ್ಲಿ ದುಡಿದ ಮಲ್ಲಿತಮ್ಮನ ಸಹಿ ಸೋಮನಾಥಪುರದಲ್ಲಿಯೂ ಇದೆ. ಮುಚ್ಚಿಟ್ಟ ರಹಸ್ಯವೆಂದು ಕೂಗುವ ವಿಡಿಯೋಗಳು ಬಯಲಿನಲ್ಲಿರುವ ಈ ಅಕ್ಷರಗಳತ್ತ ತಿರುಗುವುದು ಅಪರೂಪ. ಬೇಲೂರು, ಹಳೇಬೀಡು, ಸೋಮನಾಥಪುರಗಳು 2023ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಮೇಲೆ ನೋಡುವವರು ಹೆಚ್ಚಿದ್ದಾರೆ. ಬೇಲೂರಿಗೆ ಹೋಗುವ ಮಿತ್ರರು ಮದನಿಕೆಯ ಮುಖ ನೋಡಿಯಾದ ಮೇಲೆ ಕಾಲಡಿಯ ಪೀಠವನ್ನೂ ನೋಡಬೇಕು. ಸಾಲು ಚಿಕ್ಕದು, ಲಿಪಿ ಹಳೆಯದು, ಆದರೆ ಭಾಷೆ ಕನ್ನಡವೇ.